ಗೈಡು ಹೇಳದ ಹೆಂಗಸರು

ಪೆರು ದೇಶದ ಕುಸ್ಕೊ ಪಟ್ಟಣದ ನೆತ್ತಿಯ ಮೇಲೆ ಸಾಕ್ಸೈವಾಮಾನ್ ಎಂಬ ಭಾರೀ ಕಲ್ಲಿನ ಕಟ್ಟಡವಿದೆ. ಇಂಕಾ ಅರಸರ ಕಾಲದ್ದು. ಅಲ್ಲಿಯ ಕ್ವೆಚುವಾ ಭಾಷೆಯಲ್ಲಿ ಆ ಹೆಸರಿಗೆ 'ಹೊಟ್ಟೆ ತುಂಬಿದ ಗಿಡುಗ' ಎಂದು ಅರ್ಥ ಹೇಳುತ್ತಾರೆ. ಆದರೆ ಪ್ರವಾಸಿಗಳನ್ನು ಅಲ್ಲಿಗೆ ಕರೆದೊಯ್ಯುವ ಗೈಡು ಈ ಗಿಡುಗನನ್ನು ಹಾರಿಬಿಡುವ ಮೊದಲು ಒಂದು ತಮಾಷೆ ಮಾಡುತ್ತಾನೆ. "ಹೆಸರು ನೆನಪಿನಲ್ಲಿ ಉಳಿಯದಿದ್ದರೆ 'ಸೆಕ್ಸಿ ವುಮನ್' ಎಂದುಕೊಳ್ಳಿ!" ಬಸ್ಸಿಗೆ ಬಸ್ಸೇ ನಗುತ್ತದೆ. ನಮ್ಮ ಹಿಂದೆ ಬಂದ ಗುಂಪಿನ ಗೈಡೂ ಅದೇ ಜಾಗದಲ್ಲಿ, ಅದೇ ಧಾಟಿಯಲ್ಲಿ ಅದನ್ನೇ ಹೇಳಿದ್ದು ನನ್ನ ಕಿವಿಗೆ ಬಿತ್ತು. ಅಂದರೆ ಇದು ಒಬ್ಬನ ಹಾಸ್ಯವಲ್ಲ, ಊರಿನ ಪಾಠ.

ಮಡಿವಂತಿಕೆಯಿಂದ ಈ ಮಾತು ಎತ್ತಿದೆ ಎಂದು ತಿಳಿಯಬೇಡಿ. ಮೂವತ್ತು ವರ್ಷ ಹೈಸ್ಕೂಲು ಮಕ್ಕಳಿಗೆ ಪಾಠ ಹೇಳಿದವಳಿಗೆ ಇಂಥ ತಮಾಷೆಗಳು ಹೊಸದಲ್ಲ. ನನ್ನ ತಕರಾರು ಬೇರೆ. ಅರ್ಧ ದಿನದ ಆ ಪ್ರವಾಸದಲ್ಲಿ ಹೆಣ್ಣಿನ ಪ್ರಸ್ತಾಪ ಬಂದದ್ದು ಎರಡೇ ಸಲ. ಒಂದು ಈ ತಮಾಷೆಯಲ್ಲಿ. ಇನ್ನೊಂದು, 'ಸೂರ್ಯನ ಕನ್ಯೆಯರು' ಎಂಬ ಎರಡು ಪದಗಳಲ್ಲಿ. ಅಷ್ಟು ದೊಡ್ಡ ಸಾಮ್ರಾಜ್ಯದಲ್ಲಿ ಹೆಂಗಸರೆಂದರೆ ಇಷ್ಟೇ ಇದ್ದರೇ?

ನಾಟಕಕ್ಕೆ, ಸಿನಿಮಾಕ್ಕೆ ವಿಮರ್ಶೆ ಬರೆಯುತ್ತೇವೆ. ಗೈಡು ಹೇಳುವ ಕಥೆಗೆ ಯಾರೂ ಬರೆಯುವುದಿಲ್ಲ. ಆದರೆ ಇಂಕಾಗಳ ಬಗ್ಗೆ ಒಂದು ಪುಸ್ತಕವನ್ನೂ ಓದದ ಸಾವಿರಾರು ಜನ ದಿನವೂ ಕೇಳಿ ನಂಬಿ ಮನೆಗೆ ಒಯ್ಯುವುದು ಈ ಕಥೆಯನ್ನೇ. ಹರಿಕಥೆಯ ಹಾಗೆ ಇದಕ್ಕೂ ಪೀಠಿಕೆ ಇದೆ, ಉಪಕಥೆ ಇದೆ, ನಡುವೆ ನಗೆಚಾಟಿಕೆ ಇದೆ, ಕೊನೆಗೆ ತಟ್ಟೆಯೂ ಬರುತ್ತದೆ. ಹಾಗಾದ ಮೇಲೆ ಗುಣದೋಷ ನೋಡಿದರೆ ತಪ್ಪೇನು?

ಹೋದ ವರ್ಷ ಮೇ ತಿಂಗಳ ರಜೆಯಲ್ಲಿ ಮಗಳು, ಅಳಿಯನ ಜೊತೆ ಹೋಗಿದ್ದೆ. ಕುಸ್ಕೊ ಇರುವುದು ಸಮುದ್ರಮಟ್ಟದಿಂದ ಸುಮಾರು 3,400 ಮೀಟರ್ ಎತ್ತರದಲ್ಲಿ. ನಾಲ್ಕು ಮೆಟ್ಟಿಲು ಹತ್ತಿದರೆ ಎದೆ ಡವಗುಟ್ಟುತ್ತದೆ. ಕೋಕಾ ಎಲೆಯ ಕಷಾಯ ಕುಡಿದು, ಹದಿನಾರು ಜನರ ಗುಂಪಿನಲ್ಲಿ ನಾವೂ ಸೇರಿಕೊಂಡೆವು. ಕೋರಿಕಾಂಚಾ ಎಂಬ ಸೂರ್ಯದೇವಾಲಯ, ಸಾಕ್ಸೈವಾಮಾನ್, ಆಮೇಲೆ ಕೆಂಕೊ, ಪುಕಾ ಪುಕಾರಾ, ತಾಂಬೊಮಚಾಯ್. ಇದು ಅಲ್ಲಿ ಎಲ್ಲರೂ ಮಾಡುವ ಸುತ್ತು. ಕೊನೆಯ ಮೂರನ್ನು ನಾವು ನೋಡಿದ್ದಕ್ಕಿಂತ ಮುಟ್ಟಿ ಬಂದೆವು ಎನ್ನಬೇಕು.

ಒಳ್ಳೆಯದನ್ನು ಮೊದಲು ಹೇಳಿಬಿಡುತ್ತೇನೆ. ಕಲ್ಲಿನ ವಿಷಯದಲ್ಲಿ ನಮ್ಮ ಗೈಡು ನಿಜಕ್ಕೂ ಜಾಣ. ಸಾಕ್ಸೈವಾಮಾನಿನಲ್ಲಿ ನೂರು ಟನ್ನಿಗೂ ಮೀರಿದ ಬಂಡೆಗಳಿವೆ. ಸುಣ್ಣ ಗಾರೆ ಏನೂ ಇಲ್ಲದೆ ಒಂದರ ಮಗ್ಗುಲಿಗೆ ಒಂದು ಕೂತಿವೆ. ಕಬ್ಬಿಣದ ಉಳಿ ಇಲ್ಲದ ಜನ, ಗಟ್ಟಿ ಗುಂಡುಕಲ್ಲಿನಿಂದಲೇ ಬಂಡೆಯನ್ನು ಕುಟ್ಟಿ ಕುಟ್ಟಿ ಹದಕ್ಕೆ ತಂದದ್ದನ್ನು ಅವನು ಕೈಯಲ್ಲಿ ಅಭಿನಯಿಸಿ ತೋರಿಸಿದ. ಇದು ಬೇರೆ ಗ್ರಹದವರ ಕೆಲಸ ಎಂದು ಗುಂಪಿನಲ್ಲೊಬ್ಬರು ಹೇಳಿದಾಗ, "ಇಲ್ಲ ಸ್ವಾಮಿ, ನಮ್ಮ ಅಜ್ಜಂದಿರದೇ" ಎಂದು ನಗುತ್ತಲೇ ಬಾಯಿ ಮುಚ್ಚಿಸಿದ. ಕೋರಿಕಾಂಚಾದಲ್ಲಿ ಇಂಕಾ ಗೋಡೆಯ ಮೇಲೆಯೇ ಸ್ಪೇನಿನವರು ಕಟ್ಟಿದ ಸಾಂತೊ ದೊಮಿಂಗೊ ಮಠವಿದೆ. 1950ರ ಭೂಕಂಪದಲ್ಲಿ ಮೇಲಿನ ಕಟ್ಟಡ ಬಿರುಕು ಬಿಟ್ಟಿತು, ಕೆಳಗಿನ ಇಂಕಾ ಗೋಡೆ ಅಲುಗಲಿಲ್ಲ. ಅದನ್ನು ಹೇಳುವಾಗ ಅವನ ದನಿ ಏರಿದ್ದು ನನಗೆ ಇಷ್ಟವಾಯಿತು. ಸೋತವರ ಮೊಮ್ಮಕ್ಕಳು ಗೆದ್ದವರ ಗೋಡೆ ಬಿರುಕು ಬಿಟ್ಟದ್ದನ್ನು ಹೇಳಿ ಸಂತೋಷಪಡುವುದರಲ್ಲಿ ಒಂದು ನ್ಯಾಯವಿದೆ.

ಬಂಡೆ ಎಳೆದವರು 'ಮಿತಾ' ಎಂಬ ಸರದಿ ದುಡಿಮೆಯ ಮೇಲೆ ಬಂದ ರೈತರು ಎಂಬುದನ್ನೂ ಅವನು ಮರೆಯಲಿಲ್ಲ. ಆಗ ನಾನು ಕೇಳಿದೆ: "ಇಷ್ಟು ಜನರಿಗೆ ಊಟ, ಬಟ್ಟೆ ಎಲ್ಲಿಂದ? ಯಾರು ಮಾಡುತ್ತಿದ್ದರು?" ಅವನು ಗಡಿಯಾರ ನೋಡಿದ. "ಒಳ್ಳೆಯ ಪ್ರಶ್ನೆ ಮೇಡಂ, ಬಸ್ಸಿನಲ್ಲಿ ಹೇಳುತ್ತೇನೆ" ಎಂದ. ಮಗಳು ನನ್ನ ಸೆರಗು ಹಿಡಿದು, "ಅಮ್ಮಾ, ಇದು ಸಮಾಜ ಪಾಠದ ಪೀರಿಯಡ್ ಅಲ್ಲ" ಎಂದಳು. ಬಸ್ಸಿನಲ್ಲಿ ಬಂದದ್ದು ಉತ್ತರವಲ್ಲ, ಅಲ್ಪಾಕಾ ಸ್ವೆಟರಿನ ಅಂಗಡಿಯ ಬಗ್ಗೆ ಒಂದು ಸೂಚನೆ.

ಆ ಪ್ರಶ್ನೆಗೆ ಉತ್ತರ ನಾವು ಬೆಳಿಗ್ಗೆಯೇ ದಾಟಿ ಬಂದ ಒಂದು ಓಣಿಯಲ್ಲಿತ್ತು. ಕುಸ್ಕೊದ ದೊಡ್ಡ ಚೌಕದಿಂದ ಕೋರಿಕಾಂಚಾದ ಕಡೆಗೆ ಲೊರೆತೊ ಎಂಬ ಇಕ್ಕಟ್ಟಾದ ಬೀದಿ ಹೋಗುತ್ತದೆ. ಎರಡೂ ಕಡೆ ಇಂಕಾ ಗೋಡೆ. ಒಂದು ಕಡೆಯದು ಅಮಾರುಕಾಂಚಾ ಎಂಬ ಅರಮನೆಯದು. ಇನ್ನೊಂದು ಕಡೆಯದು ಅಕ್ಲಾವಾಸಿಯದು, ಎಂದರೆ 'ಆರಿಸಿ ತಂದವರ ಮನೆ'ಯದು. ಗೈಡು ನಡೆಯುತ್ತಲೇ, "ಇಲ್ಲಿ ಸೂರ್ಯನ ಕನ್ಯೆಯರು ಇದ್ದರು, ಗೋಡೆಯ ಜೋಡಣೆ ನೋಡಿ, ಚಾಕು ಸಹ ತೂರುವುದಿಲ್ಲ" ಎಂದ. ಎಲ್ಲರೂ ಗೋಡೆ ನೋಡಿದರು. ಕನ್ಯೆಯರು ಅಲ್ಲಿಗೆ ಮುಗಿದರು.

ಆ ಗೋಡೆಯ ಹಿಂದೆ ಏನಿತ್ತು? ಅರಸನ ಕಡೆಯ ಅಧಿಕಾರಿಗಳು ಊರೂರು ತಿರುಗಿ ಹತ್ತು ವರ್ಷದ ಆಸುಪಾಸಿನ ಹೆಣ್ಣುಮಕ್ಕಳನ್ನು ಆರಿಸುತ್ತಿದ್ದರು. ಕೊಡುವುದಿಲ್ಲ ಎನ್ನುವ ಹಕ್ಕು ಹೆತ್ತವರಿಗೆ ಇರಲಿಲ್ಲ. ಈ ಹುಡುಗಿಯರಿಗೆ ನೂಲುವುದು, ನೇಯುವುದು, ಮುಸುಕಿನ ಜೋಳದಿಂದ ಚಿಚಾ ಎಂಬ ಪಾನೀಯ ಇಳಿಸುವುದು, ಪೂಜೆಯ ಕಟ್ಟಳೆ, ಎಲ್ಲವನ್ನೂ ಮಾಮಾಕೋನಾ ಎಂಬ ಹಿರಿಯ ಹೆಂಗಸರು ಕಲಿಸುತ್ತಿದ್ದರು. ಆಮೇಲೆ ಕೆಲವರು ದೇವರ ಸೇವೆಗೆ ಉಳಿಯುತ್ತಿದ್ದರು. ಕೆಲವರನ್ನು ಅರಸ ತಾನೇ ಇಟ್ಟುಕೊಳ್ಳುತ್ತಿದ್ದ, ಇಲ್ಲವೆ ತನಗೆ ಬೇಕಾದ ಸರದಾರರಿಗೆ ಬಹುಮಾನವಾಗಿ ಕೊಡುತ್ತಿದ್ದ. ಕೆಲವರು ಬಲಿಯಾಗುತ್ತಿದ್ದರು. 'ಕನ್ಯೆ' ಎಂಬ ಪದದ ಸೆರಗಿನಲ್ಲಿ ಇಷ್ಟನ್ನೂ ಮುಚ್ಚಿಡಬಹುದು ನೋಡಿ.

ಆ ಪದ ಬಂದದ್ದೂ ಸುಮ್ಮನೆ ಅಲ್ಲ. 1609ರಲ್ಲಿ ಇಂಕಾಗಳ ಚರಿತ್ರೆಯನ್ನು ಅಚ್ಚು ಹಾಕಿಸಿದ ಗಾರ್ಸಿಲಾಸೊ ಹುಟ್ಟಿದ್ದು ಕುಸ್ಕೊದಲ್ಲೇ. ತಾಯಿ ಚಿಂಪು ಓಕ್ಲೊ ಇಂಕಾ ರಾಜವಂಶದವಳು, ತಂದೆ ಸ್ಪೇನಿನ ಕ್ಯಾಪ್ಟನ್. ಆ ತಂದೆ ಕೊನೆಗೆ ಮದುವೆಯಾದದ್ದು ಸ್ಪೇನಿನ ಒಬ್ಬ ಹೆಣ್ಣನ್ನು. ಮಗ ಸ್ಪೇನಿನಲ್ಲಿ ಕೂತು, ಕ್ರೈಸ್ತ ಓದುಗರಿಗಾಗಿ, ತಾಯಿಯ ಕುಲ ಹೀನವಲ್ಲ ಎಂದು ತೋರಿಸಲು ಬರೆದ. ಈ ಮನೆಯಲ್ಲಿ 1,500ಕ್ಕೂ ಹೆಚ್ಚು ಹೆಂಗಸರು ಇದ್ದರೆಂದೂ, ಸನ್ಯಾಸಿನಿಯರ ಹಾಗೆ ಹೊರಗಿನ ಮುಖ ಕಾಣದೆ ಬದುಕಿದರೆಂದೂ ಅವನೇ ಹೇಳುವುದು. ಅವನ ಸಂಕಟ ನನಗೆ ಅರ್ಥವಾಗುತ್ತದೆ. ಆದರೆ ನಾಲ್ಕು ನೂರು ವರ್ಷಗಳ ಮೇಲೂ ಗೈಡು ಅದೇ ಮಾತನ್ನು ಅದೇ ಬೆರಗಿನಲ್ಲಿ ಹೇಳುವುದು ಅರ್ಥವಾಗುವುದಿಲ್ಲ. ಸ್ಪೇನಿನವರಿಗೂ ಅದು ಮಠದಂತೆಯೇ ಕಂಡಿತೋ ಏನೋ, 17ನೇ ಶತಮಾನದ ಆರಂಭದಲ್ಲಿ ಅದೇ ಜಾಗಕ್ಕೆ ಸಾಂತಾ ಕತಲಿನಾ ಎಂಬ ಸನ್ಯಾಸಿನಿಯರ ಮಠ ಬಂತು. ಹೆಂಗಸರನ್ನು ಒಳಗಿಡುವ ಗೋಡೆಗೆ ಒಡೆಯರು ಬದಲಾದರು, ಕೆಲಸ ಬದಲಾಗಲಿಲ್ಲ.

ಬಲಿಯ ಮಾತು ಹೇಳಿದೆನಲ್ಲ. 1999ರಲ್ಲಿ ಅರ್ಜೆಂಟೀನಾ ಮತ್ತು ಚಿಲಿಯ ಗಡಿಯಲ್ಲಿ, 6,700 ಮೀಟರಿಗೂ ಎತ್ತರದ ಯೂಯಾಯಾಕೊ ಪರ್ವತದ ತುದಿಯಲ್ಲಿ ಮೂವರು ಮಕ್ಕಳ ದೇಹಗಳು ಸಿಕ್ಕವು. ಇಬ್ಬರು ತೀರಾ ಚಿಕ್ಕವರು. ಹಿರಿಯವಳಿಗೆ ಸುಮಾರು 13 ವರ್ಷ. ಚಳಿಗೆ ದೇಹ ಕೆಡದೆ ಉಳಿದಿದೆ. ಕೂದಲನ್ನು ಸಣ್ಣ ಸಣ್ಣ ಜಡೆಗಳಾಗಿ ಹೆಣೆದಿದ್ದಾರೆ. ಆ ಕೂದಲನ್ನೇ ಪರೀಕ್ಷಿಸಿ ವಿಜ್ಞಾನಿಗಳು ಹೇಳಿದ್ದು: ಸಾಯುವುದಕ್ಕೆ ಸುಮಾರು ಒಂದು ವರ್ಷ ಮೊದಲು ಅವಳ ಊಟ ಇದ್ದಕ್ಕಿದ್ದಂತೆ ಸುಧಾರಿಸಿತ್ತು. ಮಾಂಸ, ಮುಸುಕಿನ ಜೋಳ, ಅಂದರೆ ದೊಡ್ಡವರ ಮನೆಯ ಊಟ. ಕೊನೆಯ ವಾರಗಳಲ್ಲಿ ಚಿಚಾ ಹೆಚ್ಚಿತ್ತು. ಅವಳು ಅಕ್ಲಾ ಆಗಿದ್ದಿರಬೇಕು ಎಂದು ಅವರ ಊಹೆ. ಹದಿಮೂರು ಎಂದರೆ ಎಂಟನೆಯ ತರಗತಿ. ಮೊದಲನೆಯ ಬೆಂಚಿನಲ್ಲಿ ಜಡೆ ಮುಂದಕ್ಕೆ ಹಾಕಿಕೊಂಡು ಕೂರುವ ಹುಡುಗಿಯರ ವಯಸ್ಸು. ಇದನ್ನು ಓದಿದ ಮೇಲೆ ನನಗೆ 'ಸೂರ್ಯನ ಕನ್ಯೆ' ಎಂಬ ಪದವನ್ನು ಬಾಯಲ್ಲಿ ಆಡಲು ಆಗಿಲ್ಲ.

ಎರಡು ದಿನ ಬಿಟ್ಟು ಮಾಚು ಪಿಚುವಿಗೆ ಹೋದೆವು. ಅಲ್ಲಿ ಬೇರೆ ಗೈಡು, ಎರಡು ತಾಸಿನ ಸುತ್ತು. ಈಗ ಅಲ್ಲಿ ಟಿಕೆಟಿನ ಮೇಲೆ ಒಳಹೋಗುವ ಹೊತ್ತು, ನಡೆಯಬೇಕಾದ ದಾರಿ ಎರಡೂ ಅಚ್ಚಾಗಿರುತ್ತವೆ. ಹಿಂದಿರುಗಿ ನೋಡೋಣ ಎಂದರೆ ಬಿಡುವುದಿಲ್ಲ. ಜನರ ಕಾಲ್ತುಳಿತದಿಂದ ಜಾಗ ಉಳಿಯಬೇಕಾದರೆ ಅದು ಬೇಕೇ ಬೇಕು, ದೂರುವುದಿಲ್ಲ. 2000ದಲ್ಲಿ ಅಲ್ಲಿಯ ಇಂತಿವತಾನಾ ಎಂಬ ಪವಿತ್ರ ಶಿಲೆಯ ಮೂಲೆ ಮುರಿದದ್ದು ಪ್ರವಾಸಿಗಳಿಂದಲ್ಲ, ಬಿಯರ್ ಜಾಹೀರಾತಿನ ಚಿತ್ರೀಕರಣಕ್ಕೆ ತಂದ ಕ್ರೇನು ಬಿದ್ದು. ಅದು ಹಾಗಿರಲಿ.

ಅಲ್ಲಿಯೂ ಕನ್ಯೆಯರು ಬಂದರು. 1911ರಲ್ಲಿ ಹೈರಮ್ ಬಿಂಗ್‌ಹ್ಯಾಮ್ ಈ ಜಾಗವನ್ನು ಹೊರಜಗತ್ತಿಗೆ ತಿಳಿಸಿದ. ಮರುವರ್ಷ ಅಗೆದಾಗ ಸಿಕ್ಕ ಎಲುಬುಗಳನ್ನು ಅವನ ತಂಡದ ಜಾರ್ಜ್ ಈಟನ್ ನೋಡಿ, ಬಹುಪಾಲು ಹೆಂಗಸರವೇ ಎಂದು 1916ರಲ್ಲಿ ವರದಿ ಬರೆದ. ಅಷ್ಟು ಸಾಕಾಯಿತು. ಮಾಚು ಪಿಚು ಸೂರ್ಯನ ಕನ್ಯೆಯರ ಕೊನೆಯ ಆಶ್ರಯವಾಗಿಬಿಟ್ಟಿತು. ಬಹಳ ವರ್ಷಗಳ ನಂತರ ಜಾನ್ ವೆರಾನೊ ಎಂಬ ತಜ್ಞರು ಅದೇ ಎಲುಬುಗಳನ್ನು ಮತ್ತೆ ಪರೀಕ್ಷಿಸಿದರು. ಹೆಂಗಸರು ತುಸು ಹೆಚ್ಚು, ಆದರೆ ಗಂಡಸರೂ ಬೇಕಾದಷ್ಟಿದ್ದರು, ಎಳೆಮಕ್ಕಳೂ ಇದ್ದವು. ಆಂಡಿಸ್ ಬೆಟ್ಟದ ಜನರದು ಸಣ್ಣ ಮೈಕಟ್ಟು. ಅದನ್ನು ನೋಡಿ ಈಟನ್ ಹೆಣ್ಣೆಂದು ಎಣಿಸಿದ್ದ. ಸಾಮ್ರಾಜ್ಯದ ದೂರದೂರದ ಮೂಲೆಗಳಿಂದ, ಅಮೆಜಾನ್ ಕಾಡಿನ ಕಡೆಯಿಂದಲೂ ತಂದ ಸೇವಕರು ಅಲ್ಲಿದ್ದರು ಎಂಬುದು 2023ರಲ್ಲಿ ಪ್ರಕಟವಾದ ಡಿಎನ್ಎ ಅಧ್ಯಯನದಿಂದ ಇನ್ನೂ ಸ್ಪಷ್ಟವಾಗಿದೆ. ಆ ಎಲುಬುಗಳೂ ಸಾಮಾನುಗಳೂ ಅಮೆರಿಕದ ಯೇಲ್ ವಿಶ್ವವಿದ್ಯಾಲಯದಲ್ಲಿ ನೂರು ವರ್ಷ ಕಳೆದು 2011 ಮತ್ತು 2012ರಲ್ಲಿ ಪೆರುವಿಗೆ ಮರಳಿದವು. ಎಲುಬುಗಳು ಊರಿಗೆ ಬಂದವು, ಅವುಗಳ ಮೇಲೆ ಕಟ್ಟಿದ ಕಥೆ ಮಾತ್ರ ಗೈಡಿನ ಬಾಯಲ್ಲಿ ಹಾಗೆಯೇ ಉಳಿದಿದೆ.

ಇನ್ನು ನನ್ನ ಪ್ರಶ್ನೆಯ ಬಟ್ಟೆ. ಇಂಕಾಗಳಿಗೆ ಚಿನ್ನಕ್ಕಿಂತ ಬಟ್ಟೆ ದೊಡ್ಡದು ಎಂದು ಜಾನ್ ಮುರ್ರಾ ಎಂಬ ವಿದ್ವಾಂಸರು 1962ರಲ್ಲೇ ವಿವರವಾಗಿ ಬರೆದಿದ್ದಾರೆ. ಸೈನಿಕನಿಗೆ ಸಂಬಳವಾಗಿ ಬಟ್ಟೆ, ಗೆದ್ದ ಸೀಮೆಯ ಮುಖಂಡನಿಗೆ ಉಡುಗೊರೆಯಾಗಿ ಬಟ್ಟೆ, ದೇವರಿಗೆ ಸುಡಲು ಬಟ್ಟೆ. ಹಿಮ್ಮೆಟ್ಟುವ ಸೈನ್ಯ ಶತ್ರುವಿಗೆ ಸಿಗದಿರಲೆಂದು ಬಟ್ಟೆಯ ಉಗ್ರಾಣಗಳನ್ನು ಸುಟ್ಟು ಹೋಗುತ್ತಿತ್ತು. 'ಕುಂಬಿ' ಎಂಬ ನವುರಾದ ಬಟ್ಟೆಯನ್ನು ಅಕ್ಲಾಗಳು ನೇಯುತ್ತಿದ್ದರು. ಗಂಡು ನೇಕಾರರೂ ಇದ್ದರು. ದಿನಬಳಕೆಯ ಒರಟು ಬಟ್ಟೆಯಂತೂ ಮನೆಮನೆಯ ಹೆಂಗಸರದು. ಸರಕಾರ ಉಣ್ಣೆ ಕೊಡುತ್ತಿತ್ತು, ಇವರು ಅಡುಗೆ, ಹೊಲ, ಮಕ್ಕಳ ನಡುವೆ ನೂತು ನೇಯ್ದು ಒಪ್ಪಿಸಬೇಕಿತ್ತು. ಚಿಚಾದ ಕಥೆಯೂ ಅಷ್ಟೆ. ಬಂಡೆ ಎಳೆಯಲು ಬಂದವನಿಗೆ ಅರಸನ ಲೆಕ್ಕದಲ್ಲಿ ಹೊಟ್ಟೆ ತುಂಬ ಚಿಚಾ ಸಿಗದಿದ್ದರೆ ಮಿತಾ ನಡೆಯುತ್ತಲೇ ಇರಲಿಲ್ಲ. ಅದಕ್ಕೆ ಜೋಳವನ್ನು ಮೊಳಕೆ ಕಟ್ಟಿ, ಕೆಲವೆಡೆ ಬಾಯಲ್ಲಿ ಅಗಿದು, ಕುದಿಸಿ, ಹುಳಿಬರಿಸಿ, ಕೊಡಗಟ್ಟಲೆ ಇಳಿಸಿದವರು ಹೆಂಗಸರು. ಆ ನೂರು ಟನ್ನಿನ ಬಂಡೆ ಮೇಲೇರಿದ್ದರಲ್ಲಿ ಈ ಕೊಡಗಳ ಪಾಲೂ ಇದೆ ಎಂದು ಹೇಳಲು ಗೈಡಿಗೆ ಎಷ್ಟು ಹೊತ್ತು ಬೇಕು? ಅರ್ಧ ನಿಮಿಷ. ತಮಾಷೆಗೆ ಅದಕ್ಕಿಂತ ಹೆಚ್ಚು ಹಿಡಿದಿತ್ತು.

ಬಟ್ಟೆಯ ವಿಷಯ ಪ್ರವಾಸದಲ್ಲಿ ಬರಲೇ ಇಲ್ಲ ಎಂದರೆ ಸುಳ್ಳಾಗುತ್ತದೆ. ಬಂತು, ಅಂಗಡಿಯಲ್ಲಿ. ಚಿಂಚೆರೊ ಎಂಬ ಊರಿನಲ್ಲಿ ಬಣ್ಣದ ಲಂಗ ತೊಟ್ಟ ಹೆಂಗಸರು ಉಣ್ಣೆ ತೊಳೆದು, ಪಾಪಸುಕಳ್ಳಿಯ ಮೇಲಿನ ಹುಳುವನ್ನು ಅಂಗೈಯಲ್ಲಿ ಅರೆದು ಕೆಂಪು ಬಣ್ಣ ತೆಗೆದು ತೋರಿಸುತ್ತಾರೆ. ಸೊಂಟಕ್ಕೆ ಕಟ್ಟಿಕೊಳ್ಳುವ ಮಗ್ಗದಲ್ಲಿ ಬೆರಳು ಓಡುವ ವೇಗ ನೋಡಿ ನಾನು ಸ್ವೆಟರ್ ಕೊಳ್ಳುವುದನ್ನೇ ಮರೆತೆ. ಗೈಡು ಮಾತ್ರ ಹೊರಗೆ ನಿಂತು ಫೋನು ನೋಡುತ್ತಿದ್ದ. ಅವನ ಮಟ್ಟಿಗೆ ಚರಿತ್ರೆ ಕಲ್ಲಿನಲ್ಲಿ ಮುಗಿದು, ವ್ಯಾಪಾರ ಶುರುವಾಗಿತ್ತು. ಆ ಕ್ವೆಚುವಾ ಮಾತನಾಡುವ ಹೆಂಗಸರ ಕೈಯಲ್ಲಿ ಓಡುತ್ತಿದ್ದದ್ದು ಸಾಕ್ಸೈವಾಮಾನಿಗಿಂತಲೂ ಹಳೆಯ ವಿದ್ಯೆ, ಅದೂ ಇನ್ನೂ ಜೀವಂತ.

ಹದಿನಾರು ಜನರನ್ನು ಕುರಿ ಕಾಯುವ ಹಾಗೆ ಕಾಯುತ್ತ, ಎರಡು ಭಾಷೆಯಲ್ಲಿ ಹೇಳುತ್ತ, ಮುಂದಿನ ಗುಂಪು ಬರುವ ಮೊದಲು ಜಾಗ ಬಿಡಬೇಕಾದವನ ಕಷ್ಟ ನನಗೆ ಗೊತ್ತು. ಶಾಲೆಯ ಮಕ್ಕಳನ್ನು ಪ್ರವಾಸಕ್ಕೆ ಒಯ್ದವರಿಗೆಲ್ಲ ಗೊತ್ತು. ಹೊತ್ತು ಕಡಿಮೆಯಿದ್ದಾಗ ಏನನ್ನಾದರೂ ಬಿಡಲೇಬೇಕು. ಪ್ರತಿ ಸಲ ಬಿಡುವುದು ಯಾರನ್ನು ಎಂಬುದಷ್ಟೇ ನನ್ನ ಪ್ರಶ್ನೆ.

ಕನ್ನಡದಲ್ಲಿ ನೇಮಿಚಂದ್ರರ 'ಪೆರುವಿನ ಪವಿತ್ರ ಕಣಿವೆಯಲ್ಲಿ' ಓದಿ ಅಲ್ಲಿಗೆ ಹೋಗುವ ಆಸೆ ಇಟ್ಟುಕೊಂಡ ಗೆಳತಿಯರು ನನಗೆ ಹಲವರಿದ್ದಾರೆ. ಅವರಿಗೆ ಹೇಳುವುದು ಇಷ್ಟು. ಗೈಡಿನ ಜೊತೆ ಹೋಗಿ, ಕಲ್ಲಿನ ಪಾಠ ಅವನಿಂದಲೇ ಕೇಳಿ. ಮರುದಿನ ಒಬ್ಬರೇ ಲೊರೆತೊ ಓಣಿಗೆ ಬನ್ನಿ, ಟಿಕೆಟು ಬೇಕಿಲ್ಲ. ಯೇಲ್‌ನಿಂದ ಮರಳಿದ ವಸ್ತುಗಳು ಹತ್ತಿರದಲ್ಲೇ ಕಾಸಾ ಕೊಂಚಾ ಎಂಬ ಮ್ಯೂಸಿಯಮ್ಮಿನಲ್ಲಿವೆ. ಚಿಂಚೆರೊ ಊರಿನವರೇ ಆದ ನಿಲ್ಡಾ ಕಯಾನ್ಯಾವುಪಾ 1996ರಲ್ಲಿ ಶುರುಮಾಡಿದ ನೇಯ್ಗೆಯ ಕೇಂದ್ರ ಕೋರಿಕಾಂಚಾದ ಬಳಿಯೇ ಇದೆ. ಅಲ್ಲಿ ನೇಯುವವರ ಮುಂದೆ ಎಷ್ಟು ಹೊತ್ತು ಕೂತರೂ ಯಾರೂ ಎಬ್ಬಿಸುವುದಿಲ್ಲ. ಊರ ಹೊರಗೆ ಯಾವುದಾದರೂ ಮನೆಯ ಮುಂದೆ ಕೋಲಿಗೆ ಕೆಂಪು ಪ್ಲಾಸ್ಟಿಕ್ ಕಟ್ಟಿದ್ದರೆ, ಅಲ್ಲಿ ಇವತ್ತು ಚಿಚಾ ಇದೆ ಎಂದು ಗುರುತು. ಒಳಗೆ ಕೊಡದ ಪಕ್ಕದಲ್ಲಿ ಒಬ್ಬ ಹೆಂಗಸು ಕೂತಿರುತ್ತಾಳೆ. ತುಸು ಹುಳಿ, ನಮ್ಮ ರುಚಿಗೆ ಒಗ್ಗುವುದು ಕಷ್ಟ. ನಾನು ಅರ್ಧ ಲೋಟ ಕುಡಿದೆ.