‘ಕರುಣಾಳು ಬಾ ಬೆಳಕೆ’: ಪದ್ಯವೂ ಗಾಯನವೂ

ತುರುವೇಕೆರೆ ತಾಲ್ಲೂಕಿನ ಸಂಪಿಗೆಯಲ್ಲಿ 1884ರಲ್ಲಿ ಜನಿಸಿದ ಬಿ. ಎಂ. ಶ್ರೀಕಂಠಯ್ಯನವರ ‘ಇಂಗ್ಲಿಷ್ ಗೀತಗಳು’ 1926ರಲ್ಲಿ ವಿಸ್ತೃತವಾಗಿ ಪ್ರಕಟವಾಯಿತು. ಅದರಲ್ಲಿರುವ ಈ ಪ್ರಾರ್ಥನೆಗೆ ಚಿತ್ರಗೀತೆಗಳಿಗಿರುವ ಪ್ರಚಾರವಿಲ್ಲ. ಆದರೂ ತಿಪಟೂರು ಸೀಮೆಯ ಶಾಲೆಗಳಲ್ಲಿಯೂ ಸಭೆಗಳಲ್ಲಿಯೂ ಅದನ್ನು ಹಾಡುವವರು ಇದ್ದಾರೆ, ಧ್ವನಿಮುದ್ರಿಕೆಗಳೂ ಉಂಟು. ಹಾಡಿನಲ್ಲಿ ಪದ್ಯವು ಎಷ್ಟರಮಟ್ಟಿಗೆ ಉಳಿದಿದೆಯೆಂಬುದನ್ನು ವಿಚಾರಿಸುವುದೇ ಪ್ರಕೃತ ಲೇಖನದ ಉದ್ದೇಶ.

ಮೂಲದ ಕರ್ತೃ ಜಾನ್ ಹೆನ್ರಿ ನ್ಯೂಮನ್. ಸಿಸಿಲಿಯಲ್ಲಿ ಜ್ವರದಿಂದ ನರಳಿ, ಸ್ವದೇಶಕ್ಕೆ ಮರಳುವಾಗ, ಬೊನಿಫಾಸಿಯೋ ಜಲಸಂಧಿಯಲ್ಲಿ ಗಾಳಿಯಿಲ್ಲದೆ ಹಡಗು ನಿಂತಿದ್ದಾಗ, 1833ನೆಯ ಜೂನ್ 16ರಂದು ಆತನು ಇದನ್ನು ರಚಿಸಿದನು. 1865ರಲ್ಲಿ ಜಾನ್ ಬಾಕಸ್ ಡೈಕ್ಸ್ ಎಂಬಾತನು ಕಟ್ಟಿದ ಧಾಟಿಯಿಂದ ಅದು ಲೋಕಪ್ರಸಿದ್ಧವಾಯಿತು. ಜನಪ್ರಿಯತೆಗೆ ಕಾರಣ ಪದ್ಯವಲ್ಲ, ಧಾಟಿ, ಎಂದು ನ್ಯೂಮನ್ನನೇ ಹೇಳಿದನೆಂದು ಪ್ರತೀತಿ. ಗಾಂಧೀಜಿಯವರಿಗೆ ಇದು ಪರಮಪ್ರಿಯವಾಗಿತ್ತು. ಗುಜರಾತಿಯಲ್ಲಿ ನರಸಿಂಹರಾವ್ ದಿವೇಟಿಯಾ ಅವರು ಇದನ್ನು ‘ಪ್ರೇಮಳ ಜ್ಯೋತಿ’ಯಾಗಿಸಿದರು.

ಗುಜರಾತಿಯ ಕವಿಯು ಬಾಳಿನ ದಾರಿಯನ್ನು ಬೆಳಗೆಂದು ಬೇಡುತ್ತಾನೆ. ಶ್ರೀಕಂಠಯ್ಯನವರು ಬೆಳಕನ್ನು ‘ಬಾ’ ಎಂದು ಕರೆದು, ಕೈಹಿಡಿಯೆಂದು ಬೇಡುತ್ತಾರೆ. ಮೂಲದಲ್ಲಿ ಈ ಕರೆಯೂ ಇಲ್ಲ, ಕೈಯೂ ಇಲ್ಲ. ಮುನ್ನಡೆಸೆಂಬ ಮಾತು ಮಾತ್ರವಿದೆ. ದೇವರನ್ನು ಮನೆಯ ಮಗುವಿನಂತೆ ಕರೆದ ದಾಸರ ನಾಡಿನಲ್ಲಿ ‘ಬಾ’ ಎಂಬ ಒಂದಕ್ಷರದಿಂದಲೇ ಪರದೇಶದ ಸ್ತೋತ್ರವು ನಮ್ಮದಾಯಿತು. ‘ಕರುಣಾಳು’ ಎಂಬ ಶಬ್ದದ ಮೇಲೆ ವೈಯಾಕರಣರು ಆಕ್ಷೇಪವೆತ್ತಬಹುದು: ಪಾಣಿನಿಯು ಆಲುಚ್ ಪ್ರತ್ಯಯವನ್ನು ವಿಧಿಸಿದ ಸೂತ್ರದಲ್ಲಿ ದಯೆ, ನಿದ್ರೆ, ಶ್ರದ್ಧೆಗಳಿವೆ, ಕರುಣೆಯಿಲ್ಲ. ದಯಾಳುವನ್ನು ನೋಡಿ ಕನ್ನಡವು ಕರುಣಾಳುವನ್ನು ಮಾಡಿಕೊಂಡಿತು. ಅದು ಕನ್ನಡದ ಹಕ್ಕು. ವ್ಯಕ್ತಿಗೆ ಸಲ್ಲುವ ಈ ವಿಶೇಷಣವು ನಪುಂಸಕವಾದ ಬೆಳಕಿಗೆ ಸೇರಿದೊಡನೆ ಬೆಳಕಿಗೆ ಜೀವ ಬಂದಿತು.

ಛಂದಸ್ಸಿನ ಕೆಲಸವು ಇದಕ್ಕಿಂತಲೂ ಸೂಕ್ಷ್ಮವಾದುದು. ಮೂಲದಲ್ಲಿ ಹತ್ತಕ್ಷರದ ಸಾಲಿನ ಹಿಂದೆ ನಾಲ್ಕಕ್ಷರದ ಸಾಲು ಬರುತ್ತದೆ. ಕನ್ನಡದಲ್ಲಿ ಐದು ಮಾತ್ರೆಯ ನಾಲ್ಕು ಗಣಗಳ ಸಾಲು. ಅದರ ಹಿಂದೆ ಎರಡು ಗಣಗಳೂ ಒಂದು ಮುಡಿಯೂ ಉಳ್ಳ ಕಿರುಸಾಲು. ಗೋವಿಂದ ಪೈಗಳು 1911ರಲ್ಲಿಯೇ ಪ್ರಾಸವನ್ನು ಬಿಟ್ಟಿದ್ದರಷ್ಟೆ. ಇಲ್ಲಿ ಶ್ರೀಕಂಠಯ್ಯನವರು ಆಂಗ್ಲದ ಅಂತ್ಯಪ್ರಾಸಕ್ಕೆ ಬದಲಾಗಿ ಉದ್ದಸಾಲುಗಳನ್ನು ಜೋಡಿಜೋಡಿಯಾಗಿ ಆದಿಪ್ರಾಸದಿಂದ ಬಿಗಿದಿದ್ದಾರೆ. ಹೊಸಗನ್ನಡ ಕವಿತೆಯ ಆಚಾರ್ಯರು ಹಳೆಯ ಕಟ್ಟನ್ನು ಎಷ್ಟು ಸದ್ದಿಲ್ಲದೆ ಉಳಿಸಿಕೊಂಡರೆಂಬುದನ್ನು ಅಧ್ಯಾಪಕರು ತರಗತಿಯಲ್ಲಿ ತೋರಿಸಬೇಕು.

ಪಂಚಮಾತ್ರೆಯ ಈ ನಡೆಗೆ ಖಂಡಚಾಪು ಸಹಜವಾದ ತಾಳ. ಚತುರಶ್ರಕ್ಕೆ ಕೂಡಿಸಿದರೆ ಒಂದೊಂದು ಗಣದಲ್ಲಿಯೂ ಯಾವುದಾದರೊಂದು ಅಕ್ಷರವನ್ನು ಎಳೆಯಬೇಕಾಗುತ್ತದೆ. ‘ಬಾ’ ಎಂಬುದನ್ನು ಎಳೆದರೆ ಚೆನ್ನ. ಹ್ರಸ್ವವನ್ನು ಎಳೆದರೆ ಮಾತು ಕೆಡುತ್ತದೆ. ಕಿರುಸಾಲಿನ ಕೊನೆಯ ಮೌನವು ಕತ್ತಲೆಯಲ್ಲಿ ಕಾಲೂರಲು ತಡೆದು ನಿಂತವನ ಮೌನ. ಅಲ್ಲಿ ಕೊಳಲನ್ನೂ ಪಿಟೀಲನ್ನೂ ತುಂಬುವುದು ಅನುಚಿತವೆಂದೇ ನನ್ನ ಮತ.

ಹೊಸ ಕವಿತೆಯನ್ನು ವೇದಿಕೆಗೆ ತಂದ ಪಿ. ಕಾಳಿಂಗರಾಯರ ಉಪಕಾರವು ದೊಡ್ಡದು. 1978ರಲ್ಲಿ ಮೈಸೂರು ಅನಂತಸ್ವಾಮಿಯವರು ನಿಸಾರ್ ಅಹಮದರ ಕವಿತೆಗಳಿಗೆ ರಾಗಕೂಡಿಸಿದ ‘ನಿತ್ಯೋತ್ಸವ’ವು ಕ್ಯಾಸೆಟ್ಟಿನಲ್ಲಿ ಮನೆಮನೆಗೆ ಹೋಯಿತು. ಆದರೆ ಗ್ರಾಮೊಫೋನಿನ 78 ಸುತ್ತಿನ ತಟ್ಟೆಯ ಒಂದು ಮುಖದಲ್ಲಿ ಹಿಡಿಯುತ್ತಿದ್ದುದು ಸುಮಾರು 3 ನಿಮಿಷದ ಗಾನ. ತಟ್ಟೆ ಹೋದರೂ ಹಾಡನ್ನು ಮೊಟಕುಮಾಡುವ ಆ ಅಭ್ಯಾಸವು ಹೋಗಲಿಲ್ಲ. ನಮ್ಮ ಶಾಲೆಗಳಲ್ಲಂತೂ ಮೊದಲನೆಯ ಪದ್ಯವೊಂದನ್ನೇ ಹಾಡಿ ಮುಗಿಸುವುದನ್ನು ಎಷ್ಟೋ ಸಲ ಕೇಳಿದ್ದೇನೆ.

ಇದರಿಂದಾಗುವ ನಷ್ಟ ಅಲ್ಪವಲ್ಲ. ಎರಡನೆಯ ಪದ್ಯವು ತಪ್ಪೊಪ್ಪಿಗೆ: ತನ್ನ ದಾರಿಯನ್ನು ತಾನೇ ಹಿಡಿದು ಮೆರೆದವನು ಹಿಂದಿನದನ್ನು ನೆನೆಯಬೇಡವೆಂದು ಬೇಡುತ್ತಾನೆ. ಅಲ್ಲಿ ಸಂಸ್ಕೃತದ ‘ದರ್ಪ’ವನ್ನು ಬಿಟ್ಟು ಆಡುಮಾತಿನ ‘ಕೊಬ್ಬು’ ಎಂಬುದನ್ನು ಕವಿಗಳು ಬಳಸಿರುವುದು ಪರಮೋಚಿತ. ಈ ಪದ್ಯವಿಲ್ಲದ ಪ್ರಾರ್ಥನೆ ಬರಿಯ ಮಂಗಳವಚನವಾಗುತ್ತದೆ.

ಮೂರು ಪದ್ಯಗಳನ್ನೂ ಹಾಡುವವರಲ್ಲಿ ಬೇರೊಂದು ದೋಷವುಂಟು. ಕಿರುಸಾಲನ್ನು ಪಲ್ಲವಿಯೆಂದು ಭಾವಿಸಿ ಅದರ ಮೊದಲ ರೂಪವನ್ನೇ ಎಲ್ಲೆಡೆಯೂ ಆವರ್ತಿಸುವುದು. ಕವಿಗಳು ಹಾಗೆ ಮಾಡಿಲ್ಲ. ಮೊದಲು ಬೇಡಿಕೆಯಾಗಿರುವ ಮಾತು, ಎರಡನೆಯ ಪದ್ಯದಲ್ಲಿ, ಹಿಂದೆ ತಾನು ಆಡದೆ ಹೋದ ಮಾತಾಗಿ ಬಂದು, ಪುನಃ ಬೇಡಿಕೆಯಾಗುತ್ತದೆ, ಮೂರನೆಯದರಲ್ಲಿ ಪ್ರಶ್ನೆಯಾಗುತ್ತದೆ. ಇದುವರೆಗೆ ಕಾಯ್ದ ಶಕ್ತಿ ಮುಂದೆಯೂ ನಡೆಸುವುದು ನಿಶ್ಚಯವೆನ್ನುತ್ತಾನೆ ನ್ಯೂಮನ್. ಕನ್ನಡದ ಯಾತ್ರಿಕನಾದರೋ ನಡೆಸದೆ ಇರುವೆಯಾ ಎಂದು ಕೇಳುತ್ತಾನೆ. ಮೂಲದ ಜೌಗುನೆಲವು ಇಲ್ಲಿ ಕಷ್ಟದ ಅಡವಿಯಾಗಿದೆ. ದೇವದೂತರ ಪ್ರಸ್ತಾವವೇ ಇಲ್ಲದೆ, ಹಿಂದೊಮ್ಮೆ ಒಲಿದು ಕಳೆದುಕೊಂಡ ದಿವ್ಯಮುಖವು ಬೆಳಗಾದಾಗ ಹೊಳೆಯದೇ ಎಂಬ ಪ್ರಶ್ನೆಯಲ್ಲಿಯೇ ಪದ್ಯವು ನಿಲ್ಲುತ್ತದೆ. ಗಾಯಕನು ಅಲ್ಲಿಂದ ಮೊದಲನೆಯ ಸಾಲಿಗೆ ಮರಳಿ ಮುಕ್ತಾಯ ಮಾಡಿದನೆಂದರೆ ಕವಿಗಳು ಉತ್ತರವಿಲ್ಲದೆ ಬಿಟ್ಟ ಪ್ರಶ್ನೆಯು ಕೇಳಿಸುವುದೇ ಇಲ್ಲ.