ಜಗುಲಿ ಕಟ್ಟಿದವರು, ನೆಲ ಮರೆತವರು

ಅಮೆರಿಕದ ಬಹುಪಾಲು ಬಡಾವಣೆಗಳಲ್ಲಿ ಮನೆಯ ಪಕ್ಕ ಒಂದು ದಿನಸಿ ಅಂಗಡಿ ತೆರೆಯುವುದು ಕಾನೂನಿಗೆ ವಿರುದ್ಧ. ಕೆಳಗೆ ಅಂಗಡಿ, ಮೇಲೆ ಸಂಸಾರ ಎಂಬ ನಮ್ಮ ಪೇಟೆಬೀದಿಯ ಪದ್ಧತಿಗೂ ಅಲ್ಲಿ ಅನುಮತಿಯಿಲ್ಲ. ಮಗಳ ಬಾಣಂತನಕ್ಕೆಂದು ಹೋಗಿ ಆರು ತಿಂಗಳು ಅಲ್ಲಿದ್ದು ಬಂದ ಹಿರಿಯರು ‘ಒಂದು ಕಟ್ಟು ಕೊತ್ತಂಬರಿಗೂ ಕಾರು ತೆಗೀಬೇಕು’ ಎಂದು ಬೇಸರ ಪಡುವುದನ್ನು ಕೇಳದವರು ಕಡಿಮೆ. ಅದನ್ನು ಆ ದೇಶದ ಸಿರಿವಂತಿಕೆಯ ಲಕ್ಷಣವೆಂದೇ ಅವರು ತಿಳಿದಿರುತ್ತಾರೆ. ಅದರ ಹಿಂದೆ ಒಂದು ತೀರ್ಪು ಇದೆ. ಓಹಾಯೊ ರಾಜ್ಯದ ಕ್ಲೀವ್‌ಲ್ಯಾಂಡ್ ಪಕ್ಕದ ಯೂಕ್ಲಿಡ್ ಎಂಬ ಸಣ್ಣ ಊರು ತನ್ನ ನೆಲವನ್ನು ವಾಸಕ್ಕೆ ಬೇರೆ, ವ್ಯಾಪಾರಕ್ಕೆ ಬೇರೆ, ಕಾರ್ಖಾನೆಗೆ ಬೇರೆ ಎಂದು ವಲಯಗಳಾಗಿ ವಿಂಗಡಿಸಿತು. ಜಮೀನಿದ್ದ ಆಂಬ್ಲರ್ ಎಂಬ ಕಂಪನಿ ಕೋರ್ಟಿಗೆ ಹೋಯಿತು. 1926ರಲ್ಲಿ ಸುಪ್ರೀಂ ಕೋರ್ಟ್ ಊರಿನ ಪರವಾಗಿ ನಿಂತಿತು. ತೀರ್ಪು ಬರೆದ ನ್ಯಾಯಮೂರ್ತಿ ಜಾರ್ಜ್ ಸದರ್‌ಲ್ಯಾಂಡ್, ಒಂಟಿ ಮನೆಗಳ ನಡುವೆ ತಲೆಯೆತ್ತುವ ಅಪಾರ್ಟ್‌ಮೆಂಟನ್ನು ಪರಾವಲಂಬಿ ಜೀವಿಗೆ ಹೋಲಿಸಿದರು. ಆ ಹೋಲಿಕೆಯ ಮೇಲೆ ಒಂದು ಖಂಡದಷ್ಟು ಉಪನಗರಗಳು ನಿಂತಿವೆ.

ಮುಂದಿನ ಕಥೆ ಗೊತ್ತಿರುವುದೇ. 1934ರಲ್ಲಿ ಹುಟ್ಟಿದ ಫೆಡರಲ್ ಹೌಸಿಂಗ್ ಅಡ್ಮಿನಿಸ್ಟ್ರೇಷನ್ ಗೃಹಸಾಲಗಳಿಗೆ ವಿಮೆ ಕೊಟ್ಟಿತು, ಕಪ್ಪುಜನರಿದ್ದ ಕೇರಿಗಳಿಗೆ ಮಾತ್ರ ಕೊಡಲಿಲ್ಲ. 1947ರಲ್ಲಿ ನ್ಯೂಯಾರ್ಕ್ ಬಳಿಯ ಲಾಂಗ್ ಐಲ್ಯಾಂಡಿನಲ್ಲಿ ಲೆವಿಟೌನ್ ಎದ್ದಿತು. ಸಾವಿರಾರು ಒಂದೇ ಅಚ್ಚಿನ ಮನೆಗಳು, ಬಿಳಿಯರಿಗೆ ಮಾತ್ರ ಎಂಬ ಷರತ್ತು. 1956ರ ಹೆದ್ದಾರಿ ಕಾಯ್ದೆ ಇವನ್ನೆಲ್ಲ ನಗರಕ್ಕೆ ಜೋಡಿಸಿತು; ಜೋಡಿಸುವಾಗ ನಗರದೊಳಗಿನ ಬಡವರ ಕೇರಿಗಳನ್ನು ಸೀಳಿಕೊಂಡೇ ಹೋಯಿತು.

ಈ ವ್ಯವಸ್ಥೆಯ ವಿರುದ್ಧ ಕಳೆದ ನಾಲ್ಕು ದಶಕಗಳಲ್ಲಿ ಎದ್ದ ಅತ್ಯಂತ ಪ್ರಭಾವಶಾಲಿ ಪಂಥ, ಮನೆ-ಅಂಗಡಿ ಬೆರೆತ, ನಡೆದಾಡುವಂಥ ಊರು ಕಟ್ಟಬೇಕೆನ್ನುವ ನ್ಯೂ ಅರ್ಬನಿಸಂ. ಅದನ್ನು ಮೆಚ್ಚುವವರೂ ಹಳಿಯುವವರೂ ಅದರ ಮನೆಗಳ ಚಂದದ ಬಗ್ಗೆಯೇ ಜಗಳವಾಡಿದ್ದಾರೆ. ಅಡಿಪಾಯದ ಕೆಳಗಿನ ನೆಲ ಯಾರದು ಎಂದು ಮಾತ್ರ ಪಂಥ ಕೇಳಲಿಲ್ಲ. ನನ್ನ ತಕರಾರು ಇರುವುದು ಅಲ್ಲಿ.

ಪಂಥದ ತವರು ಫ್ಲಾರಿಡದ ಕಡಲ ತೀರದ ಸೀಸೈಡ್. ರಾಬರ್ಟ್ ಡೇವಿಸ್ ಎಂಬ ಬಿಲ್ಡರ್‌ಗೆ ಅಜ್ಜನಿಂದ ಅಲ್ಲಿ 80 ಎಕರೆ ಮರಳು ನೆಲ ಬಂದಿತ್ತು. ಅದಕ್ಕೆ ನಕ್ಷೆ ಬರೆದವರು ಮಯಾಮಿಯ ದಂಪತಿ, ಆಂದ್ರೆಸ್ ದುವಾನಿ ಮತ್ತು ಎಲಿಜಬೆತ್ ಪ್ಲೇಟರ್-ಜೈಬರ್ಕ್. ಇಬ್ಬರೂ ಅದಕ್ಕೆ ಮುಂಚೆ ಆರ್ಕಿಟೆಕ್ಟೋನಿಕಾ ಎಂಬ ಥಳುಕಿನ ಆಧುನಿಕ ಸಂಸ್ಥೆಯ ಸ್ಥಾಪಕರಲ್ಲಿದ್ದವರು, ಗಾಜಿನ ಗೋಪುರಗಳ ಜನ. ಯುರೋಪಿನ ಹಳೆಯ ಊರುಗಳ ಪರವಾಗಿ ವಾದಿಸುತ್ತಿದ್ದ ಲಿಯೋನ್ ಕ್ರಿಯರ್‌ನ ಉಪನ್ಯಾಸ ಕೇಳಿದ ಮೇಲೆ ದುವಾನಿಯ ದಾರಿ ಬದಲಾಯಿತು. 80ರ ದಶಕದ ಆರಂಭದಲ್ಲಿ ಇವರೆಲ್ಲ ದಕ್ಷಿಣ ರಾಜ್ಯಗಳ ಹಳೆಯ ಪಟ್ಟಣಗಳನ್ನು ಸುತ್ತಿ, ಬೀದಿ ಎಷ್ಟು ಅಗಲ, ಬೇಲಿ ಎಷ್ಟು ಎತ್ತರ, ಜಗುಲಿ ಬೀದಿಗೆ ಎಷ್ಟು ಹತ್ತಿರ ಎಂದು ನೋಡಿಕೊಂಡು ಬಂದರು. ಆಮೇಲೆ ಬರೆದ ಕಟ್ಟಡ ನಿಯಮ ಒಂದೇ ದೊಡ್ಡ ಹಾಳೆಯಲ್ಲಿ ಹಿಡಿಸುತ್ತಿತ್ತು. ಮುಂಜಗುಲಿ ಕಡ್ಡಾಯ, ಒಂದೇ ಬೀದಿಯಲ್ಲಿ ಎರಡು ಬೇಲಿಗಳು ಒಂದೇ ತರಹ ಇರಕೂಡದು, ಹಿಂದಿನ ಸಾಲಿನ ಮನೆಗೂ ಕಡಲು ಕಾಣಲಿ ಎಂದು ಸಣ್ಣ ಅಳತೆಯ ಗೋಪುರ ಎಷ್ಟು ಬೇಕಾದರೂ ಎತ್ತರಿಸಬಹುದು. ಅಂಚೆ ಕಚೇರಿ, ಅಂಗಡಿ, ಕಡಲು ಎಲ್ಲವೂ ನಡಿಗೆಯ ದೂರದಲ್ಲಿ.

ಆ ಒಂದು ಹಾಳೆಯ ನಿಯಮವನ್ನು ನಾನು ಈಗಲೂ ಮೆಚ್ಚುತ್ತೇನೆ. ಮಾಮೂಲಿ ವಲಯ ನಿಯಮ ಏನು ಮಾಡಕೂಡದು ಎಂದು ನೂರಾರು ಪುಟ ಹೇಳುತ್ತದೆ, ಬೀದಿ ಕೊನೆಗೆ ಹೇಗೆ ಕಾಣಬೇಕು ಎಂದು ಒಂದು ಸಾಲೂ ಹೇಳುವುದಿಲ್ಲ. ಸೀಸೈಡಿನ ಹಾಳೆ ಬೀದಿಯಿಂದ ಶುರುವಾಗುತ್ತದೆ. ಮನೆಯೊಳಗೆ ಏನು ಬೇಕಾದರೂ ಮಾಡಿಕೊಳ್ಳಿ, ಬೀದಿಗೆ ಮಾತ್ರ ಬೆನ್ನು ತಿರುಗಿಸಬೇಡಿ ಎನ್ನುವುದು ಅದರ ಒಟ್ಟು ತಾತ್ಪರ್ಯ.

1993ರಲ್ಲಿ ವರ್ಜೀನಿಯದ ಅಲೆಕ್ಸಾಂಡ್ರಿಯದಲ್ಲಿ ಈ ಬಳಗ ತನ್ನ ಮೊದಲ ಸಮಾವೇಶ ನಡೆಸಿತು. ಕ್ಯಾಲಿಫೋರ್ನಿಯದ ಪೀಟರ್ ಕ್ಯಾಲ್‌ಥಾರ್ಪ್, ಡೇನಿಯಲ್ ಸಾಲೊಮನ್, ಎಲಿಜಬೆತ್ ಮೂಲ್, ಸ್ಟೆಫನೋಸ್ ಪೊಲಿಜೊಯಿಡಿಸ್ ಜೊತೆಗೂಡಿದರು. 1996ರಲ್ಲಿ ಸನ್ನದು ಹೊರಬಂತು. ಇದರಲ್ಲೊಂದು ತಮಾಷೆಯಿದೆ. ವಾಸ, ಕೆಲಸ, ವಿಹಾರ, ಸಂಚಾರ ಎಂದು ನಗರವನ್ನು ನಾಲ್ಕಾಗಿ ಹೋಳು ಮಾಡಬೇಕೆಂದು ಸಾರಿದ್ದು 1928ರಲ್ಲಿ ಲ ಕಾರ್ಬೂಸಿಯೆ ಮತ್ತಿತರರು ಕಟ್ಟಿದ ಆಧುನಿಕ ವಾಸ್ತುಶಿಲ್ಪಿಗಳ ಅಂತರರಾಷ್ಟ್ರೀಯ ಸಮಾವೇಶ. ಅದನ್ನು ಎದುರಿಸಲು ಹೊರಟವರು ಅದರಂತೆಯೇ ಸಮಾವೇಶ ಕಟ್ಟಿದರು, ಅದರಂತೆಯೇ ಸನ್ನದು ಬರೆದರು. ನಗರವನ್ನು ತಜ್ಞರ ಘೋಷಣೆಯಿಂದ ತಿದ್ದಬಹುದು ಎಂಬ ನಂಬಿಕೆಯೂ ಹಾಗೆಯೇ ಉಳಿದುಕೊಂಡಿತು.

ಪಂಥದವರು ತಮ್ಮ ಪೂರ್ವಿಕರ ಸಾಲಿನಲ್ಲಿ ಇಬ್ಬರನ್ನು ತಪ್ಪದೆ ನೆನೆಯುತ್ತಾರೆ. ಒಬ್ಬ ಕ್ಲಾರೆನ್ಸ್ ಪೆರಿ, 1929ರಲ್ಲಿ ಶಾಲೆಯನ್ನು ನಡುವಿಟ್ಟು ಕಾಲ್ನಡಿಗೆಯ ದೂರದ ನೆರೆಹೊರೆಯ ನಕ್ಷೆ ಕೊಟ್ಟವನು. ಇನ್ನೊಬ್ಬರು ಜೇನ್ ಜೇಕಬ್ಸ್. ಜೇಕಬ್ಸ್ 1961ರ ತಮ್ಮ ಪುಸ್ತಕದಲ್ಲಿ ಜೀವಂತ ಬೀದಿಗೆ ನಾಲ್ಕು ಷರತ್ತು ಹಾಕಿದ್ದರು: ಬೆರೆತ ಬಳಕೆ, ಚಿಕ್ಕ ಚಿಕ್ಕ ಬ್ಲಾಕುಗಳು, ಸಾಕಷ್ಟು ಜನ, ಮತ್ತು ಹಳೆಯ ಕಟ್ಟಡಗಳು. ಹಳೆಯ ಕಟ್ಟಡವೆಂದರೆ ಅವರಿಗೆ ಪಾರಂಪರಿಕ ಸೊಬಗಲ್ಲ, ಕಡಿಮೆ ಬಾಡಿಗೆ. ಚಪ್ಪಲಿ ಹೊಲಿಯುವವನು, ಹೊಸ ವ್ಯಾಪಾರಕ್ಕೆ ಕೈಹಾಕಿದವನು, ಕಾಸಿಲ್ಲದ ಕಲಾವಿದ ಉಳಿಯುವುದು ಸಾಲ ತೀರಿಹೋದ ಹಳೆಯ ಗೋಡೆಗಳ ನಡುವೆ. ಬಯಲಲ್ಲಿ ಹೊಸ ಊರು ಕಟ್ಟುವ ಬಿಲ್ಡರ್ ಮೊದಲ ಮೂರನ್ನು ನಕ್ಷೆಯಲ್ಲಿ ತರಬಲ್ಲ. ನಾಲ್ಕನೆಯದನ್ನು ಯಾವ ದುಡ್ಡಿಗೂ ತರಲಾರ. ನ್ಯೂ ಅರ್ಬನಿಸಂನ ಬೆಲೆಯ ಸಮಸ್ಯೆ ಇಲ್ಲಿ ಶುರುವಾಯಿತು ಎಂದು ನನಗನಿಸುತ್ತದೆ. ಇಂದು ಸೀಸೈಡಿನಲ್ಲಿ ಮನೆಯೊಂದು ಮಿಲಿಯನ್‌ಗಟ್ಟಲೆ ಡಾಲರಿಗೆ ಮಾರಾಟವಾಗುತ್ತದೆ. ಹೆಚ್ಚಿನವು ರಜೆಯ ಮನೆಗಳು. ಜಗುಲಿಗಳೇನೋ ಇವೆ, ವರ್ಷವಿಡೀ ಅಲ್ಲಿ ಕೂರುವ ನೆರೆಯವರು ಕಡಿಮೆ.

1998ರಲ್ಲಿ ‘ದಿ ಟ್ರೂಮನ್ ಷೋ’ ಚಿತ್ರದ ಸುಳ್ಳು ಊರಾಗಿ ಸೀಸೈಡ್ ತೆರೆಗೆ ಬಂದ ಮೇಲೆ ಪಂಥವನ್ನು ಗೇಲಿ ಮಾಡುವುದು ಸುಲಭವಾಯಿತು. ಇದೆಲ್ಲ ಹಳೆಯದರ ಹಂಬಲ, ನಾಟಕದ ಪರದೆ ಎಂಬ ಟೀಕೆ ವಾಸ್ತುಶಾಲೆಗಳಲ್ಲಿ ಇನ್ನೂ ಓಡಾಡುತ್ತಿದೆ. ನನಗಿದು ಸೋಮಾರಿ ಟೀಕೆಯಾಗಿ ಕಾಣುತ್ತದೆ. ಇಳಿಜಾರು ಮಾಡು, ಬಿಳಿ ಬೇಲಿ ನಿಮಗೆ ಹಿಡಿಸದಿದ್ದರೆ ಅದು ರುಚಿಯ ಮಾತು. ಸೆಲೆಬ್ರೇಷನ್ ಎಂಬ ಊರನ್ನು ಬೇರೆ ಕಣ್ಣಿನಿಂದ ನೋಡಬೇಕು. ಫ್ಲಾರಿಡದಲ್ಲೇ ಡಿಸ್ನಿ ಕಂಪನಿ 90ರ ದಶಕದಲ್ಲಿ ಕಟ್ಟಿದ ಊರು ಅದು. ರಾಬರ್ಟ್ ಸ್ಟರ್ನ್ ಮತ್ತು ಜಾಕ್ವೆಲಿನ್ ರಾಬರ್ಟ್‌ಸನ್ ಒಟ್ಟು ನಕ್ಷೆ ಬರೆದರು, ಮೈಕಲ್ ಗ್ರೇವ್ಸ್ ಅಂಚೆ ಕಚೇರಿ ಕಟ್ಟಿದರು, ಫಿಲಿಪ್ ಜಾನ್ಸನ್ ಕಂಬಗಳ ಕಾಡಿನಂಥ ಪುರಭವನ ನಿಲ್ಲಿಸಿದರು. ಪುರಭವನ ಇದೆ, ಪುರಸಭೆ ಇಲ್ಲ! ಸೆಲೆಬ್ರೇಷನ್ ಕಾನೂನಿನ ಪ್ರಕಾರ ಸ್ವತಂತ್ರ ಪಟ್ಟಣವೇ ಅಲ್ಲ. ಕೌಂಟಿಯ ಅಡಿಯಲ್ಲಿ, ಮನೆ ಮಾಲೀಕರ ಸಂಘದ ನಿಯಮಗಳಲ್ಲಿ ನಡೆಯುವ ಬಡಾವಣೆ. 2004ರಲ್ಲಿ ಡಿಸ್ನಿ ಊರಿನ ಪೇಟೆಯನ್ನು ಒಂದು ಹೂಡಿಕೆ ಸಂಸ್ಥೆಗೆ ಮಾರಿತು. ಊರಿನ ನಡುಮಧ್ಯವನ್ನೇ ಮಾರುವಾಗ ಊರವರ ಓಟು ಕೇಳಬೇಕಾದ ಪ್ರಸಂಗವೇ ಬರಲಿಲ್ಲ. ಮಾಲು ಮಾಲೀಕನದು, ಮಾರಿದ.

ಸಮಾಜಶಾಸ್ತ್ರಜ್ಞ ಹರ್ಬರ್ಟ್ ಗ್ಯಾನ್ಸ್ ಜೇಕಬ್ಸರ ಪುಸ್ತಕ ಬಂದಾಗಲೇ, ಕಟ್ಟಡ-ಬೀದಿಗಳ ಆಕಾರದಿಂದ ಸಮುದಾಯ ಹುಟ್ಟುತ್ತದೆಂಬ ನಂಬಿಕೆಯನ್ನು ಪ್ರಶ್ನಿಸಿದ್ದರು. ಭೂಗೋಳಶಾಸ್ತ್ರಜ್ಞ ಡೇವಿಡ್ ಹಾರ್ವಿ 1997ರಲ್ಲಿ ಅದೇ ಆಕ್ಷೇಪವನ್ನು ನ್ಯೂ ಅರ್ಬನಿಸಂ ಮೇಲೆ ಎತ್ತಿದರು. ‘ಸಮುದಾಯ’ ಎಂಬುದು ಹೊರಗಿನವರನ್ನು ಹೊರಗಿಡುವ ಉಪಾಯವೂ ಆಗಬಲ್ಲದು ಎಂದರು. ಈ ಆಕ್ಷೇಪ ಎಷ್ಟು ನಿಜ ಎಂದು ತಿಳಿಯಲು ಪಂಥ ಬಡವರ ಮನೆ ಬಾಗಿಲಿಗೆ ಬಂದಾಗ ಏನಾಯಿತು ಎಂದು ನೋಡಬೇಕು.

90ರ ದಶಕದ ಆರಂಭದಲ್ಲಿ ಫೆಡರಲ್ ಸರ್ಕಾರ ಹೋಪ್ ಸಿಕ್ಸ್ ಎಂಬ ಯೋಜನೆ ತಂದಿತು. ಹಾಳುಬಿದ್ದ ಸರ್ಕಾರಿ ವಸತಿ ಗೋಪುರಗಳನ್ನು ಕೆಡವಿ, ಬೀದಿಗೆ ಮುಖ ಮಾಡಿದ, ನಾನಾ ಆದಾಯದವರು ಬೆರೆತಿರುವ ಮನೆಗಳನ್ನು ಕಟ್ಟುವುದು ಉದ್ದೇಶ. ವಸತಿ ಕಾರ್ಯದರ್ಶಿ ಹೆನ್ರಿ ಸಿಸ್ನೆರೋಸ್ 1996ರ ಸನ್ನದಿಗೆ ಸ್ವತಃ ಸಹಿ ಹಾಕಿದರು. ವಿನ್ಯಾಸದ ಮಾರ್ಗದರ್ಶನ ಬಹುಪಾಲು ಈ ಪಂಥದ್ದು. ಗೋಪುರಗಳನ್ನು ಉಳಿಸಬೇಕಿತ್ತು ಎಂದು ನಾನು ಹೇಳುವುದಿಲ್ಲ; ಕೆಲವಂತೂ ಬದುಕಲು ಯೋಗ್ಯವಾಗಿರಲಿಲ್ಲ. ಆದರೆ ಒಂದು ಮನೆ ಕೆಡವಿದರೆ ಒಂದು ಮನೆ ಕಟ್ಟಲೇಬೇಕು ಎಂಬ ಹಳೆಯ ನಿಯಮವನ್ನು ಕಾಂಗ್ರೆಸ್ 1995ರಲ್ಲಿ ಅಮಾನತಿನಲ್ಲಿಟ್ಟು 1998ರಲ್ಲಿ ತೆಗೆದೇಹಾಕಿತು. ಕೆಡವಿದ್ದು ತೊಂಬತ್ತು ಸಾವಿರಕ್ಕೂ ಹೆಚ್ಚು ಮನೆ. ಹೊಸ ಬೀದಿಗಳಿಗೆ ಮರಳಿ ಬಂದ ಹಳೆಯ ನಿವಾಸಿಗಳು ಅಲ್ಪಸಂಖ್ಯಾತರು. ಚಿಕಾಗೊದ ಕ್ಯಾಬ್ರಿನಿ-ಗ್ರೀನ್‌ನ ಕೊನೆಯ ಗೋಪುರ 2011ರಲ್ಲಿ ನೆಲಕ್ಕುರುಳಿತು. ಆ ನಗರದ ಮಿಶ್ರ ಆದಾಯದ ಬಡಾವಣೆಗಳನ್ನು ವರ್ಷಗಟ್ಟಲೆ ನೋಡಿದ ರಾಬರ್ಟ್ ಚಾಸ್ಕಿನ್ ಮತ್ತು ಮಾರ್ಕ್ ಜೋಸೆಫ್, ಬಡ ಕುಟುಂಬಗಳು ಮನೆಯ ಹೊರಗೆ ಗುಂಪಾಗಿ ಕೂರುವುದು, ಮಾಂಸ ಸುಡುವುದು ಇವೆಲ್ಲ ತಕರಾರಿಗೂ ನಿಯಮಕ್ಕೂ ಗುರಿಯಾದದ್ದನ್ನು ದಾಖಲಿಸಿದ್ದಾರೆ. ನೆರೆಯವರು ಹೊರಗೆ ಕೂತು ಮಾತಾಡಲಿ ಎಂದು ಜಗುಲಿ ಬರೆದ ಪಂಥಕ್ಕೆ, ಕೂತವರು ಯಾರು ಎಂಬುದರ ಮೇಲೆ ಅದು ನೆರೆಹೊರೆಯೋ ಉಪದ್ರವವೋ ಎಂದು ತೀರ್ಮಾನವಾಗುತ್ತದೆಂಬುದು ಹೊಳೆದಿರಲಿಲ್ಲ.

ಈ ಪಂಥದ ನಿಜವಾದ ಸಾಧನೆ ಅದರ ಊರುಗಳಲ್ಲಿಲ್ಲ, ಕಾಯ್ದೆ ಪುಸ್ತಕಗಳಲ್ಲಿದೆ. 2009ರಲ್ಲಿ ಮಯಾಮಿ ನಗರ ತನ್ನ ವಲಯ ನಿಯಮವನ್ನು ಪೂರ್ತಿ ಕಿತ್ತುಹಾಕಿ, ಕಟ್ಟಡದ ಬಳಕೆಗಿಂತ ಆಕಾರಕ್ಕೆ ಒತ್ತು ಕೊಡುವ ಮಯಾಮಿ 21 ಎಂಬ ಹೊಸ ನಿಯಮ ಒಪ್ಪಿಕೊಂಡಿತು. ಅದನ್ನು ಬರೆದ ತಂಡದ ಮುಂದಾಳು ಪ್ಲೇಟರ್-ಜೈಬರ್ಕ್. ಸೀಸೈಡಿನ ಆ ಒಂದು ಹಾಳೆ ಬೆಳೆದು ಮಹಾನಗರದ ಕಾನೂನಾಯಿತು. ಅಂಗಡಿಗೆ, ಮನೆಗೆ ಇಷ್ಟಿಷ್ಟು ಕಾರು ನಿಲ್ಲಿಸುವ ಜಾಗ ಕಡ್ಡಾಯ ಎಂಬ ನಿಯಮ ಊರನ್ನು ಹೇಗೆ ತಿಂದುಹಾಕಿದೆ ಎಂದು ಡೊನಾಲ್ಡ್ ಶೂಪ್ 2005ರ ದಪ್ಪ ಪುಸ್ತಕದಲ್ಲಿ ತೋರಿಸಿಕೊಟ್ಟಿದ್ದರು. 2017ರಲ್ಲಿ ಬಫೆಲೊ ನಗರ ಆ ಕನಿಷ್ಠ ಮಿತಿಗಳನ್ನು ಊರಿಗೆ ಊರೇ ಅನ್ವಯಿಸುವಂತೆ ರದ್ದುಮಾಡಿತು. ಶೂಪ್ ಈ ಪಂಥದವರಲ್ಲ, ಅರ್ಥಶಾಸ್ತ್ರಜ್ಞ. ಆದರೂ ಅವರ ಮಾತು ನಾಟುವಂಥ ನೆಲ ಹದ ಮಾಡಿದ್ದು ದುವಾನಿ ಬಳಗದ ದಶಕಗಳ ಉಪದೇಶ. ನಡೆದಾಡುವಂಥ ಬೀದಿಗಳು ಅಮೆರಿಕದಲ್ಲಿ ದುಬಾರಿಯಾಗಿರುವುದಕ್ಕೆ ಅವು ಅಪರೂಪವಾಗಿರುವುದೂ ಒಂದು ಕಾರಣ. ಅಪರೂಪ ಮಾಡಿದ್ದು ಯೂಕ್ಲಿಡ್ ಮಾದರಿಯ ವಲಯ ನಿಯಮ. ಇಷ್ಟರ ಮಟ್ಟಿಗೆ ಪಂಥದ ವಾದ ಸರಿ.

ಉಳಿದ ಅರ್ಧ, ಅಂದರೆ ನೆಲ ಯಾರದು ಎಂಬ ಪ್ರಶ್ನೆಗೆ ಉತ್ತರ, ಬಾಸ್ಟನ್ನಿನಲ್ಲಿ ಸಿಗುತ್ತದೆ, ವಾಸ್ತುಶಿಲ್ಪಿಗಳ ಪಟ್ಟಿಯಲ್ಲಿ ಹೆಸರೇ ಇಲ್ಲದ ಕಡೆ. ರಾಕ್ಸ್‌ಬರಿಯ ಡಡ್ಲಿ ಬೀದಿಯ ಸುತ್ತ 80ರ ದಶಕದಲ್ಲಿ ಸುಮಾರು 1,300 ನಿವೇಶನಗಳು ಖಾಲಿ ಬಿದ್ದಿದ್ದವು. ವಿಮೆ ಹಣಕ್ಕಾಗಿ ಮನೆಗಳಿಗೆ ಬೆಂಕಿ ಇಟ್ಟಿದ್ದರು, ಊರಿನ ಕಸವನ್ನೆಲ್ಲ ಲಾರಿಗಳು ರಾತ್ರೋರಾತ್ರಿ ಅಲ್ಲಿ ಸುರಿಯುತ್ತಿದ್ದವು. ಕಪ್ಪುಜನ, ಕೇಪ್ ವರ್ಡ್ ದ್ವೀಪಗಳಿಂದ ಬಂದವರು, ಲ್ಯಾಟಿನೊಗಳು, ಉಳಿದ ಬಿಳಿಯರು ಬೆರೆತಿದ್ದ ಕೇರಿ. ಒಂದು ದತ್ತಿ ಸಂಸ್ಥೆಯೂ ಸೇವಾಸಂಸ್ಥೆಗಳೂ ಸೇರಿ ಉದ್ಧಾರದ ಯೋಜನೆ ಹಿಡಿದು ಬಂದಾಗ, ಸಭೆಯಲ್ಲಿದ್ದ ಜನ ಕೇಳಿದ್ದು ನಕ್ಷೆಯ ಬಗ್ಗೆ ಅಲ್ಲ. ಆಡಳಿತ ಮಂಡಳಿಯಲ್ಲಿ ಈ ಕೇರಿಯವರು ಎಷ್ಟು ಮಂದಿ ಎಂದು ಕೇಳಿದರು. ಮಂಡಳಿಯನ್ನೇ ಬದಲಾಯಿಸಬೇಕಾಯಿತು, ನಿವಾಸಿಗಳದ್ದೇ ಬಹುಮತವಾಯಿತು. 1984ರಲ್ಲಿ ಶುರುವಾದ ಈ ಡಡ್ಲಿ ಸ್ಟ್ರೀಟ್ ನೇಬರ್‌ಹುಡ್ ಇನಿಷಿಯೇಟಿವ್‌ಗೆ 1988ರಲ್ಲಿ ನಗರ ಒಂದು ಅಸಾಧಾರಣ ಅಧಿಕಾರ ಕೊಟ್ಟಿತು: ಖಾಲಿ ನಿವೇಶನಗಳನ್ನು ಪರಿಹಾರ ಕೊಟ್ಟು ವಶಪಡಿಸಿಕೊಳ್ಳುವ ಹಕ್ಕು. ನಮ್ಮಲ್ಲಿ ಭೂಸ್ವಾಧೀನವೆಂದರೆ ರೈತರ ಎದೆ ಒಡೆಯುತ್ತದೆ. ಅಮೆರಿಕದ ಬಡ ಕೇರಿಗಳಿಗೂ ಅದು ಬುಲ್ಡೋಜರಿನ ಇನ್ನೊಂದು ಹೆಸರಾಗಿತ್ತು. ಅದೇ ಆಯುಧ ಇಲ್ಲಿ ಕೇರಿಯವರ ಕೈಗೆ ಬಂತು.

ಹೀಗೆ ಬಂದ ನೆಲವನ್ನು ಅವರು ಒಂದು ಭೂ ಟ್ರಸ್ಟಿನಲ್ಲಿಟ್ಟರು. ಮನೆ ಕೊಂಡವರದು, ನೆಲ ಟ್ರಸ್ಟಿನದು, ಗುತ್ತಿಗೆ 99 ವರ್ಷ. ಮಾರುವಾಗ ಬೆಲೆಗೆ ಮಿತಿ, ಮುಂದಿನವನೂ ಸಾಮಾನ್ಯ ಸಂಬಳದವನಾಗಿರಲಿ ಎಂದು. ಮನೆಗಳು ಸಾಧಾರಣ; ಯಾರೂ ಸಿನಿಮಾ ತೆಗೆಯಲು ಬರುವಂಥವಲ್ಲ. 2008ರ ಸಾಲದ ಕುಸಿತದಲ್ಲಿ ಇಂಥ ಟ್ರಸ್ಟುಗಳ ಮನೆಗಳು ದೇಶದ ಉಳಿದ ಮನೆಗಳಿಗಿಂತ ತೀರಾ ಕಡಿಮೆ ಪ್ರಮಾಣದಲ್ಲಿ ಜಪ್ತಿಯಾದವು.

ಈ ಭೂ ಟ್ರಸ್ಟಿನ ಕಲ್ಪನೆಯ ಬೇರು ಒಂದು ಕಡೆ ನಮ್ಮ ನೆಲದಲ್ಲೂ ಇದೆ. 1969ರಲ್ಲಿ ಜಾರ್ಜಿಯ ರಾಜ್ಯದಲ್ಲಿ ನಾಗರಿಕ ಹಕ್ಕುಗಳ ಹೋರಾಟಗಾರರು ಕಪ್ಪು ರೈತರಿಗಾಗಿ ನ್ಯೂ ಕಮ್ಯುನಿಟೀಸ್ ಎಂಬ ಮೊದಲ ಟ್ರಸ್ಟ್ ಕಟ್ಟಿದಾಗ, ಅವರ ಜೊತೆಗಿದ್ದ ರಾಬರ್ಟ್ ಸ್ವಾನ್, ನೆಲವನ್ನು ಊರಿನ ಒಡೆತನಕ್ಕೆ ಬಿಡುವ ವಿನೋಬಾರ ಗ್ರಾಮದಾನದಿಂದ ಪ್ರೇರಣೆ ಪಡೆದವರು. 1957ರಲ್ಲಿ ಮೈಸೂರಿನ ಬಳಿಯ ಇಲವಾಲದಲ್ಲಿ ನೆಹರೂ ಮತ್ತು ಹಲವು ಪಕ್ಷಗಳ ಮುಖಂಡರು ಕೂತು ಬೆಂಬಲ ಘೋಷಿಸಿದ್ದು ಇದೇ ಗ್ರಾಮದಾನಕ್ಕೆ. ಇಲ್ಲಿ ಅದು ಹೆಚ್ಚು ದಿನ ಬಾಳಲಿಲ್ಲ. ಜಾರ್ಜಿಯದಲ್ಲೂ ಸುಲಭವಾಗಿರಲಿಲ್ಲ: ಬರಗಾಲ, ಸರ್ಕಾರಿ ಸಾಲದಲ್ಲಿ ವರ್ಣಭೇದ, ಕೊನೆಗೆ 1985ರಲ್ಲಿ ಜಮೀನೇ ಕೈತಪ್ಪಿತು.

ಭೂ ಟ್ರಸ್ಟುಗಳನ್ನು ಮೆರೆಸುವುದು ನನ್ನ ಉದ್ದೇಶವಲ್ಲ. ಅವು ಚಿಕ್ಕವು, ನಿಧಾನದವು, ದತ್ತಿ ಹಣಕ್ಕೆ ಸದಾ ಕೈಚಾಚುವಂಥವು. ಒಂದು ಕಾಯ್ದೆ ತಿದ್ದುಪಡಿ ಒಂದೇ ದಿನದಲ್ಲಿ ಎಷ್ಟು ನಿವೇಶನಗಳ ಹಣೆಬರಹ ಬದಲಾಯಿಸುತ್ತದೋ ಅಷ್ಟನ್ನು ಅವು ಜನ್ಮದಲ್ಲಿ ಮುಟ್ಟಲಾರವು. ಇತ್ತ ಕಾಯ್ದೆ ತಿದ್ದಿದ ಮಾತ್ರಕ್ಕೆ ಏರುವ ನೆಲದ ಬೆಲೆ ಯಾರ ಜೇಬಿಗೆ ಹೋಗುತ್ತದೆ ಎಂಬುದಕ್ಕೆ ದುವಾನಿಯ ಹಾಳೆಯಲ್ಲಿ ಉತ್ತರವಿಲ್ಲ. ಮಿನಿಯಾಪೊಲಿಸ್ ನಗರದಲ್ಲಿ ಈ ಎರಡೂ ಅಕ್ಕಪಕ್ಕದಲ್ಲಿವೆ. 2018ರಲ್ಲಿ ಅಲ್ಲಿನ ನಗರಸಭೆ ಒಂಟಿ ಮನೆಗಷ್ಟೇ ಮೀಸಲಾದ ವಲಯಗಳನ್ನು ಕೊನೆಗಾಣಿಸುವ ಯೋಜನೆಗೆ ಒಪ್ಪಿಗೆ ಕೊಟ್ಟಿತು. ಪರಿಸರ ಸಂಘಟನೆಗಳು ಹೂಡಿದ ದಾವೆಯಿಂದ ಅದು ನಡುವೆ ನಿಂತು, 2024ರಲ್ಲಿ ರಾಜ್ಯ ಶಾಸನಸಭೆ ಕೈಹಿಡಿದ ಮೇಲೆ ಹಳಿಗೆ ಬಂತು. ಅದೇ ಊರಿನಲ್ಲಿ ಸಿಟಿ ಆಫ್ ಲೇಕ್ಸ್ ಎಂಬ ಭೂ ಟ್ರಸ್ಟ್ ಎರಡು ದಶಕಗಳಿಂದ ಒಂದೊಂದೇ ಮನೆಯ ಅಡಿಯ ನೆಲವನ್ನು ಮಾರುಕಟ್ಟೆಯಿಂದ ಹೊರಗೆ ತೆಗೆಯುತ್ತಾ ಬಂದಿದೆ. ಒಂದರದು ಶಾಸನದ ದಾರಿ, ಇನ್ನೊಂದರದು ಕ್ರಯಪತ್ರದ ದಾರಿ. ಮೂರು ಮನೆ ಕಟ್ಟಲು ಹೊಸದಾಗಿ ಅನುಮತಿ ಸಿಕ್ಕ ನಿವೇಶನಗಳಲ್ಲಿ ಎಷ್ಟು ಟ್ರಸ್ಟಿನ ಪಾಲಾಗುತ್ತವೆ, ಎಷ್ಟು ಹೂಡಿಕೆದಾರರ ಪಾಲಾಗುತ್ತವೆ ಎಂಬ ಲೆಕ್ಕ ನ್ಯೂ ಅರ್ಬನಿಸಂನ ಮುಂದಿನ ಸಮಾವೇಶಗಳಲ್ಲಿ ಬೀದಿಯ ಅಗಲದಷ್ಟೇ ಗಂಭೀರವಾಗಿ ಚರ್ಚೆಗೆ ಬರಬೇಕು.