‘ಊರು’ ಅಂದರೆ ಅವಮಾನವೆ? ಗಡಿನಾಡಿನ ಕನ್ನಡದಿಂದ ರಾಜಕೀಯ ಸರಿತನದ ಒಂದು ವಿಮರ್ಶೆ

(ಗಡಿನಾಡ ಕನ್ನಡವನ್ನು ಕುರಿತ ಆನ್‌ಲೈನ್ ವಿಚಾರ ಸಂಕಿರಣದಲ್ಲಿ ಮಾಡಿದ ಉಪನ್ಯಾಸದ ಬರಹರೂಪ. ಮಾತಿನ ಧಾಟಿಯನ್ನು ಆದಷ್ಟು ಹಾಗೆಯೇ ಉಳಿಸಿಕೊಳ್ಳಲಾಗಿದೆ.)

ಧ್ವನಿ ಸರಿಯಾಗಿ ಕೇಳಿಸ್ತಾ ಇದೆ ಅಂದುಕೊಂಡು ಶುರು ಮಾಡ್ತೇನೆ. ಈ ಗೋಷ್ಠಿಯ ವಿಷಯ ಪೊಲಿಟಿಕಲ್ ಕರೆಕ್ಟ್‌ನೆಸ್. ಕನ್ನಡದಲ್ಲಿ ಇದನ್ನು ರಾಜಕೀಯ ಸರಿತನ ಅಂತ ಕರೀತಿದ್ದೇವೆ. ಈ ಮಾತನ್ನು ನಮ್ಮಲ್ಲಿ ಯಾರೂ ತಮ್ಮ ಬಗ್ಗೆ ಹೇಳಿಕೊಳ್ಳುವುದಿಲ್ಲ, ಯಾವಾಗಲೂ ಇನ್ನೊಬ್ಬರ ಮೇಲೆ ಹೊರಿಸುವುದಕ್ಕೇ ಬಳಸುವುದು. ಚರ್ಚೆಯೂ ಒಂದೇ ಹಳಿಯ ಮೇಲೆ ಓಡುತ್ತದೆ. ಈಗ ಏನು ಮಾತಾಡಿದರೂ ತಪ್ಪು, ಒಂದು ಗಾದೆ ಹೇಳುವ ಹಾಗಿಲ್ಲ, ತಾಳಮದ್ದಳೆಯಲ್ಲಿ ಒಂದು ಹಾಸ್ಯ ಮಾಡುವ ಹಾಗಿಲ್ಲ ಅಂತ ಒಂದು ಕಡೆ. ಮಾತು ಬದಲಾದರೆ ಮನಸ್ಸು ಬದಲಾಗುತ್ತದೆ ಅಂತ ಇನ್ನೊಂದು ಕಡೆ. ಈ ಎರಡಕ್ಕೂ ಮೊದಲು ಕೇಳಬೇಕಾದ ಪ್ರಶ್ನೆ ಒಂದಿದೆ ಅಂತ ನನಗನ್ನಿಸ್ತದೆ. ಹೆಸರು ಬದಲಾಯಿಸುವಾಗ ಆ ಹೆಸರು ಹೊತ್ತವರನ್ನು ಯಾರಾದರೂ ಕೇಳಿದ್ದಾರಾ?

ಇದಕ್ಕೆ ಕಾಸರಗೋಡು, ವಯನಾಡಿನಲ್ಲೇ ಒಂದು ಉದಾಹರಣೆ ಇದೆ. 2024ರ ಜೂನ್ 18ರಂದು ಕೇರಳದ ಪರಿಶಿಷ್ಟ ಜಾತಿ, ಪರಿಶಿಷ್ಟ ವರ್ಗಗಳ ಸಚಿವರಾಗಿದ್ದ ಕೆ. ರಾಧಾಕೃಷ್ಣನ್ ಅವರು ಲೋಕಸಭೆಗೆ ಆಯ್ಕೆಯಾದ ಕಾರಣ ರಾಜೀನಾಮೆ ಕೊಟ್ಟರು. ಹೋಗುವ ಮುಂಚೆ ಅದೇ ದಿನ ಒಂದು ಆದೇಶ ಹೊರಡಿಸಿದರು. ಪರಿಶಿಷ್ಟರು ವಾಸಿಸುವ ಜಾಗಗಳನ್ನು ಇನ್ನು ಮುಂದೆ ‘ಕಾಲೊನಿ’, ‘ಸಂಕೇತಂ’, ‘ಊರು’ ಅಂತ ಕರೆಯಬಾರದು, ಬದಲಿಗೆ ‘ನಗರ’, ‘ಉನ್ನತಿ’, ‘ಪ್ರಕೃತಿ’ ಎಂಬ ಹೆಸರು ಬಳಸಬಹುದು ಅಂತ. ಸ್ಥಳೀಯರು ತಮಗೆ ಬೇಕಾದ ಬೇರೆ ಹೆಸರನ್ನೂ ಇಟ್ಟುಕೊಳ್ಳಬಹುದು ಎಂಬ ಅವಕಾಶವೂ ಅದರಲ್ಲಿತ್ತು.

‘ಕಾಲೊನಿ’ಯ ಬಗ್ಗೆ ನನಗೆ ತಕರಾರಿಲ್ಲ. ಬೆಂಗಳೂರಿನಲ್ಲೋ ಮೈಸೂರಿನಲ್ಲೋ ಬ್ಯಾಂಕ್ ಕಾಲೊನಿ ಅಂದರೆ ಕಾಂಪೌಂಡು, ಕಾರು, ತೆಂಗಿನಮರ ಕಣ್ಣಿಗೆ ಬರುತ್ತದೆ. ಅದೇ ಹಳ್ಳಿಯಲ್ಲಿ ‘ಕಾಲೊನಿಯವನು’ ಅಂದರೆ ಅದು ವಿಳಾಸ ಅಲ್ಲ, ಜಾತಿ. ಶಾಲೆಯ ಹಾಜರಿ ಪುಸ್ತಕ, ರೇಷನ್ ಕಾರ್ಡು, ಕೆಲಸದ ಅರ್ಜಿ ಎಲ್ಲದರಲ್ಲೂ ಆ ಪದ ಮೊದಲೇ ಹೋಗಿ ಕೂತಿರುತ್ತದೆ. ಇದು ಬರೀ ಪದ ಮಾರಾಯ್ರೆ ಅಂತ ಹೇಳುವವರ ವಿಳಾಸದಲ್ಲಿ ಆ ಪದ ಯಾವತ್ತೂ ಇದ್ದದ್ದಲ್ಲ. ರಾಧಾಕೃಷ್ಣನ್ ಸ್ವತಃ ಪರಿಶಿಷ್ಟ ಜಾತಿಯಿಂದ ಬಂದ ನಾಯಕರು. ಆ ಪದದ ಭಾರ ಅವರಿಗೆ ಗೊತ್ತಿಲ್ಲದೆ ಇರಲಿಲ್ಲ. ತಮಿಳುನಾಡಿನಲ್ಲೂ 2025ರ ಏಪ್ರಿಲ್‌ನಲ್ಲಿ ಮುಖ್ಯಮಂತ್ರಿ ಸ್ಟಾಲಿನ್ ವಿಧಾನಸಭೆಯಲ್ಲಿ ಸರ್ಕಾರಿ ದಾಖಲೆಗಳಿಂದ ‘ಕಾಲೊನಿ’ ಪದವನ್ನು ತೆಗೆಯುವುದಾಗಿ ಪ್ರಕಟಿಸಿದರು. ಅದಕ್ಕೂ ಮೊದಲು, 2020ರ ಡಿಸೆಂಬರಿನಲ್ಲಿ, ಮಹಾರಾಷ್ಟ್ರದ ಸಚಿವ ಸಂಪುಟ ಜಾತಿಯ ಹೆಸರಿನ ವಾಡೆಗಳಿಗೆ ಸಮತಾ ನಗರ, ಭೀಮ ನಗರ ಎಂಬಂಥ ಹೆಸರಿಡುವ ತೀರ್ಮಾನ ಮಾಡಿತು. ಅಂದರೆ ಹೊಸೂರು, ತಾಳವಾಡಿ, ಅಕ್ಕಲಕೋಟೆ, ಜತ್ತದಿಂದ ಈ ಸಭೆಗೆ ಬಂದವರಿಗೂ ಇದು ಬೇರೆಯವರ ಸುದ್ದಿಯಲ್ಲ.

ನನ್ನ ತಕರಾರು ‘ಊರು’ ಎಂಬ ಪದದ ಬಗ್ಗೆ. ಕಾಲೊನಿ ಎಂಬುದು ಸರ್ಕಾರ ಕೊಟ್ಟ ಹೆಸರು, ಸರ್ಕಾರವೇ ವಾಪಸು ತೆಗೆದುಕೊಳ್ಳಲಿ. ‘ಊರು’ ಯಾರು ಕೊಟ್ಟದ್ದು? ವಯನಾಡಿನ ಆದಿವಾಸಿಗಳು ಸೇರಿ ತಮ್ಮ ವಿಷಯ ಮಾತಾಡುವ ಸಭೆಗೆ ಊರುಕೂಟ್ಟಂ ಅಂತಲೇ ಹೆಸರು, ಹಿರಿಯನಿಗೆ ಊರುಮೂಪ್ಪನ್. ಕನ್ನಡದಲ್ಲಿ ಊರು, ತುಳುವಿನಲ್ಲಿ ಊರು, ತಮಿಳು ಮಲಯಾಳಗಳಲ್ಲೂ ಅದೇ. ಒಬ್ಬ ಕನ್ನಡಿಗ ‘ನಮ್ಮೂರು’ ಅಂದರೆ ಎದೆಯುಬ್ಬುತ್ತದೆ, ಕಾಟ್ಟುನಾಯ್ಕನೊಬ್ಬ ಅದೇ ಪದ ಹೇಳಿದರೆ ಅದು ಕೀಳರಿಮೆಯ ಗುರುತು ಹೇಗಾಗುತ್ತದೆ? ಮಲಯಾಳದ ಪೇಟೆಯವರು ಆ ಪದವನ್ನು ಕಾಡಿನವರ ಕೇರಿ ಅಂತ ಸಣ್ಣದು ಮಾಡಿ ಬಳಸುತ್ತಿದ್ದರೆ ತಿದ್ದಬೇಕಾದದ್ದು ಪೇಟೆಯವರನ್ನು. ಇಲ್ಲಿ ಆದದ್ದು ಏನೆಂದರೆ ಹೀಯಾಳಿಸಿದವರ ಕಿವಿಗೆ ಪದ ಹೇಗೆ ಕೇಳಿಸುತ್ತದೋ ಅದನ್ನೇ ಅದರ ನಿಜವಾದ ಅರ್ಥ ಅಂತ ಒಪ್ಪಿಕೊಂಡು, ಆಡುವವರ ಬಾಯಿಂದ ಪದವನ್ನೇ ಕಿತ್ತುಕೊಂಡದ್ದು. ಒಳ್ಳೆಯ ಮನಸ್ಸಿನಿಂದಲೇ, ಅದರಲ್ಲಿ ನನಗೆ ಸಂಶಯ ಇಲ್ಲ. ದಲಿತರ ಅನುಭವದಲ್ಲಿ ಕಾಲೊನಿ ಎಂಬ ಪದಕ್ಕಿರುವ ಗಾಯವನ್ನು ಆದಿವಾಸಿಗಳ ಊರಿಗೂ ಅನ್ವಯಿಸಿಬಿಟ್ಟರು. ಇವೆರಡೂ ಒಂದೇ ಚರಿತ್ರೆಯಲ್ಲ.

ಬದಲಿಗೆ ಬಂದ ‘ಉನ್ನತಿ’, ‘ಪ್ರಕೃತಿ’ ನೋಡಿ. ಸಂಸ್ಕೃತದ ಪದ ಹಾಕಿದರೆ ಘನತೆ ಬರುತ್ತದೆ ಎಂಬ ನಂಬಿಕೆ ನಮ್ಮ ಎಲ್ಲ ಸರ್ಕಾರಗಳಿಗೂ ಇದೆ. ಆದಿವಾಸಿ ಅಂದರೆ ಪ್ರಕೃತಿ ಎಂಬುದು ಪ್ರವಾಸೋದ್ಯಮದ ಪೋಸ್ಟರಿನ ಕಲ್ಪನೆ. ಇನ್ನು ನಗರ ಅಂದರೆ? ಅಂಬೇಡ್ಕರ್ ನಗರ ಅಂತ ಬಸ್ಸಿನಲ್ಲಿ ಕಂಡಕ್ಟರ್ ಕೂಗಿದರೆ ಕೂತವರಿಗೆಲ್ಲ ಅರ್ಥ ಆಗುತ್ತದೆ. ಹಳೆಯ ಹೆಸರಿನ ಮೈಲಿಗೆ ಹತ್ತು ವರ್ಷದೊಳಗೆ ಹೊಸ ಹೆಸರಿಗೆ ಅಂಟಿಕೊಳ್ಳುತ್ತದೆ. ರಸ್ತೆ, ನೀರು, ಪಟ್ಟಾ ಬಂದಿಲ್ಲ ಅಂತಾದರೆ ಇನ್ನೂ ಬೇಗ.

ಮೇಲಿನಿಂದ ಬಂದ ಮರ್ಯಾದೆಯ ಹೆಸರನ್ನು ಬೇಡ ಅಂದದ್ದಕ್ಕೆ ಹಳೆಯ ಉದಾಹರಣೆಯೂ ಇದೆ. 1938ರಲ್ಲಿ ಮುಂಬೈ ವಿಧಾನಸಭೆಯಲ್ಲಿ ಅಸ್ಪೃಶ್ಯರನ್ನು ಕಾನೂನಿನಲ್ಲಿ ‘ಹರಿಜನ’ ಅಂತ ಕರೆಯುವ ಪ್ರಸ್ತಾಪ ಬಂದಾಗ ಅಂಬೇಡ್ಕರ್ ವಿರೋಧಿಸಿದರು, ಅವರ ಪಕ್ಷದವರು ಸಭಾತ್ಯಾಗ ಮಾಡಿದರು. ಸೊಲ್ಲಾಪುರವೂ ಆಗ ಆ ಪ್ರಾಂತ್ಯದಲ್ಲೇ ಇತ್ತು. ‘ಹರಿಜನ’ದಷ್ಟು ಭಕ್ತಿಯ ಪದ ಇನ್ನೊಂದಿಲ್ಲ, ಆದರೂ ಅದು ಬೇಡವಾಯಿತು. ‘ದಲಿತ’ ಪದದ ಅರ್ಥದಲ್ಲೇ ತುಳಿತ ಇದೆ, ಆದರೂ 1972ರ ದಲಿತ್ ಪ್ಯಾಂಥರ್ಸ್ ಅದನ್ನು ಎದೆಯ ಮೇಲೆ ಹಾಕಿಕೊಂಡರು. ತಾವೇ ಆರಿಸಿಕೊಂಡದ್ದು ಅಂತ. 2018ರಲ್ಲಿ ಕೇಂದ್ರದ ವಾರ್ತಾ ಮತ್ತು ಪ್ರಸಾರ ಸಚಿವಾಲಯ ಟಿವಿ ಚಾನೆಲ್ಲುಗಳಿಗೆ ‘ದಲಿತ’ ಬೇಡ, ‘ಪರಿಶಿಷ್ಟ ಜಾತಿ’ ಅನ್ನಿ ಎಂಬ ಸಲಹೆ ಕಳಿಸಿತು. ಕೇಳಲಿಕ್ಕೆ ಅದು ಬಹಳ ಸಭ್ಯ. ಆದರೆ ದಲಿತ ಎಂಬ ಪದದಲ್ಲಿ ಸಿಟ್ಟಿದೆ, ಲೆಕ್ಕ ಕೇಳುವ ದನಿ ಇದೆ, ಪರಿಶಿಷ್ಟ ಜಾತಿಯಲ್ಲಿ ಇರುವುದು ಪಟ್ಟಿ ಮಾತ್ರ.

ಇಲ್ಲೊಂದು ಅಡ್ಡಮಾತು. ಈಗಿನವರಿಗೆ ಎಲ್ಲದಕ್ಕೂ ಮನಸ್ಸು ನೋಯ್ತದೆ, ನಮ್ಮ ಕಾಲದಲ್ಲಿ ಹೀಗಿರಲಿಲ್ಲ ಅನ್ನುವ ಹಿರಿಯರು 1973ನ್ನು ನೆನಪಿಸಿಕೊಳ್ಳಬೇಕು. ಬಿ. ಬಸವಲಿಂಗಪ್ಪನವರು ಮೈಸೂರಿನಲ್ಲಿ ಕನ್ನಡ ಸಾಹಿತ್ಯವನ್ನು ಬೂಸಾ ಅಂದರು. ಒಂದೇ ಒಂದು ಪದ. ವಿದ್ಯಾರ್ಥಿಗಳು ಬೀದಿಗಿಳಿದರು, ಗಲಾಟೆ ಹಬ್ಬಿತು, ಕಡೆಗೆ ಅವರು ಮಂತ್ರಿ ಸ್ಥಾನವನ್ನೇ ಬಿಡಬೇಕಾಯಿತು. ಆಗ ನೊಂದುಕೊಂಡವರು ಯಾರು, ದಂಡ ತೆತ್ತವರು ಯಾರು ಅಂತ ನೋಡಿದರೆ ಸೂಕ್ಷ್ಮತೆ ಎಂಬುದು ಹೊಸ ಕಾಯಿಲೆ ಅಲ್ಲ ಅಂತ ಗೊತ್ತಾಗುತ್ತದೆ.

ಗಡಿಯಲ್ಲಿ ಕೂತವನಿಗೆ ಈ ಮರ್ಯಾದೆಯ ಪದಗಳ ಇನ್ನೊಂದು ಮುಖವೂ ಕಾಣುತ್ತದೆ. ಅಂಗವೈಕಲ್ಯ ಇರುವವರಿಗೆ ಕರ್ನಾಟಕದ ಇಲಾಖೆ ಇಟ್ಟ ಹೆಸರು ವಿಕಲಚೇತನ. ಅಂಗವಿಕಲ ಅನ್ನುವುದು ಒರಟು ಅಂತ ಬಿಟ್ಟದ್ದು ತಾನೆ? ಬಿಡಿಸಿ ನೋಡಿ. ಅಂಗವಿಕಲದಲ್ಲಿ ಊನ ಇದ್ದದ್ದು ಒಂದು ಅಂಗಕ್ಕೆ, ವಿಕಲಚೇತನದಲ್ಲಿ ಚೇತನವೇ ಊನವಾಯಿತು! ಮರಾಠಿಯಲ್ಲಿ ಅಪಂಗ ಹೋಗಿ ದಿವ್ಯಾಂಗ ಬಂತು. ಕಾಲಿಲ್ಲದವನಿಗೆ ದಿವ್ಯತೆ ಕೊಟ್ಟದ್ದು, ರ‍್ಯಾಂಪ್ ಇರುವ ಬಸ್ ನಿಲ್ದಾಣ ಕೊಡಲಿಲ್ಲ ಅಂತ ಆ ಚಳವಳಿಯವರೇ ಟೀಕಿಸಿದ್ದಾರೆ. ತಮಿಳಿನ ಮಾಟ್ರುತ್ತಿರನಾಳಿ, ಬೇರೆ ಬಗೆಯ ಸಾಮರ್ಥ್ಯದವನು, ಸ್ವಲ್ಪ ವಾಸಿ. ಮಲಯಾಳದ ಪದ ಭಿನ್ನಶೇಷಿ. ಅಲ್ಲಿ ಶೇಷಿ ಅಂದರೆ ಸಾಮರ್ಥ್ಯ, ಹಾಗಾಗಿ ಅರ್ಥ ಚೆನ್ನಾಗಿಯೇ ಇದೆ. ಆದರೆ ಅದನ್ನು ಹಾಗೆಯೇ ಕನ್ನಡ ಲಿಪಿಯಲ್ಲಿ ಬರೆದರೆ ನಮ್ಮ ಶಾಲೆಯ ಮಕ್ಕಳು ಏನು ಓದಿಕೊಳ್ಳುತ್ತಾರೆ? ಭಿನ್ನ ಅಂದರೆ ಲೆಕ್ಕದ ಭಿನ್ನರಾಶಿ, ಶೇಷ ಅಂದರೆ ಭಾಗಿಸಿ ಉಳಿದದ್ದು. ಒಬ್ಬ ಮನುಷ್ಯನನ್ನು ಒಡೆದು ಉಳಿಕೆ ಮಾಡಿದ ಹಾಗಾಯಿತು. ಸರಿಯಾದ ಪದ ಕೂಡ ಗಡಿ ದಾಟುವಾಗ ಮತ್ತೆ ಕೇಳಿಕೊಂಡೇ ದಾಟಬೇಕು ಅಂತ ನಾನು ಹೇಳುವುದು ಇದಕ್ಕೇ.

ಈಗ ನಮ್ಮ ವಿಷಯಕ್ಕೆ ಬರ್ತೇನೆ. 2021ರ ಜೂನ್‌ನಲ್ಲಿ ಕಾಸರಗೋಡಿನ ಊರುಗಳ ಹೆಸರು ಮಲಯಾಳೀಕರಣ ಆಗ್ತಾ ಇದೆ ಎಂಬ ಸುದ್ದಿ ಹಬ್ಬಿತು. ಮಧೂರು ‘ಮಧುರಂ’, ಮಲ್ಲ ‘ಮಲ್ಲಂ’, ಮಂಜೇಶ್ವರ ‘ಮಂಜೇಶ್ವರಂ’. ಕರ್ನಾಟಕದಿಂದ ಪತ್ರಗಳು ಹೋದವು, ಕೇರಳ ಸರ್ಕಾರ ಅಂಥ ಪ್ರಸ್ತಾವವೇ ಇಲ್ಲ ಅಂದಿತು. ಆಗ ನಮ್ಮ ವಾದ ಏನಿತ್ತು? ನಮ್ಮನ್ನು ಕೇಳದೆ ನಮ್ಮ ಊರಿನ ಹೆಸರು ಮುಟ್ಟಬೇಡಿ ಅಂತ. ಬಹಳ ನ್ಯಾಯವಾದ ವಾದ. ಆ ಅನುಸ್ವಾರ ಬರೀ ಒಂದು ಸೊನ್ನೆ, ಅಷ್ಟಕ್ಕೆಲ್ಲ ನೋಯಬೇಕಾ ಅಂತ ಯಾರಾದರೂ ಕೇಳಿದ್ದರೆ ನಾವು ಸುಮ್ಮನಿರುತ್ತಿದ್ದೆವಾ?

ಅದೇ ಸೂಕ್ಷ್ಮತೆ ನಮ್ಮೊಳಗಿನವರಿಗೆ ಸಿಗುತ್ತದಾ ಎಂಬುದು ನನ್ನ ಪ್ರಶ್ನೆ. ನೀಲಗಿರಿಯ ಬಡಗವನ್ನು ಜನಗಣತಿ ಕನ್ನಡದ ಅಡಿಯಲ್ಲಿ ಎಣಿಸುತ್ತದೆ. ನಮಗೆ ಸಂತೋಷ, ಲೆಕ್ಕ ಜಾಸ್ತಿ ಆಯಿತು. ತಮ್ಮದು ಸ್ವತಂತ್ರ ಭಾಷೆ ಅನ್ನುವ ಬಡಗರ ಮಾತು ನಮ್ಮ ಸಂಕಿರಣಗಳಲ್ಲಿ ಎಷ್ಟು ಸಲ ಬಂದಿದೆ? ಕರಾವಳಿಯ ಕೊರಗರನ್ನು ನೋಡಿ. ಅಷ್ಟಮಿಗೋ ನವರಾತ್ರಿಗೋ ಮೈಗೆ ಮಸಿ ಬಳಿದುಕೊಂಡು ‘ಕೊರಗ ವೇಷ’ ಹಾಕುವುದನ್ನು ನಿಲ್ಲಿಸಿ ಅಂತ ಅವರ ಸಂಘಟನೆಗಳು ಕೇಳಿದಾಗ ಬಂದ ಉತ್ತರ, ಇದು ನಮ್ಮ ಸಂಪ್ರದಾಯ, ತಮಾಷೆಗೆ ಮಾಡೋದು ಅಂತ. ಕರ್ನಾಟಕ 2000ದಲ್ಲಿ ಅಜಲು ಪದ್ಧತಿ ನಿಷೇಧ ಕಾಯ್ದೆ ತಂದಿತು. ಉಗುರು ಕೂದಲು ಬೆರೆಸಿದ ಅನ್ನವನ್ನು ಕೊರಗರಿಗೆ ತಿನ್ನಿಸುವುದು, ಕಂಬಳದಲ್ಲಿ ಕೋಣಗಳ ಮುಂಚೆ ಅವರನ್ನು ಓಡಿಸುವುದು ಅಪರಾಧ ಅಂತ ಕಾನೂನಿನಲ್ಲಿ ಬರೆಯಬೇಕಾಗಿ ಬಂತು. ಅದೂ ಯಾರದೋ ಸಂಪ್ರದಾಯವೇ ಆಗಿತ್ತು. ಈ ಕಾಯ್ದೆ ತಲಪಾಡಿಯ ಗಡಿಯಲ್ಲಿ ನಿಲ್ಲುತ್ತದೆ. ಜಾತಿಯ ಹೆಸರನ್ನು ಬೈಗುಳವಾಗಿ ಬಳಸುವ ಚಾಳಿಗೆ ಯಾವ ಚೆಕ್‌ಪೋಸ್ಟೂ ಇಲ್ಲ.

ಇಂಥದ್ದನ್ನು ಎತ್ತಿದರೆ ಗಡಿನಾಡಿನಲ್ಲಿ ಒಂದು ವಿಶೇಷ ಉತ್ತರ ಸಿಗುತ್ತದೆ: ನಾವೇ ಅಲ್ಪಸಂಖ್ಯಾತರು, ಮಲಯಾಳಿಗಳ ಎದುರು, ಮರಾಠಿಗಳ ಎದುರು ನಮ್ಮ ಜಾತಿ ವಿಷಯ ಯಾಕೆ ತೆಗೆಯುವುದು, ಹೋರಾಟ ದುರ್ಬಲ ಆಗ್ತದೆ. ಇದು ನಮ್ಮದೇ ಬಗೆಯ ರಾಜಕೀಯ ಸರಿತನ. ಇಲ್ಲಿ ಮಾತು ತಿದ್ದುವುದಿಲ್ಲ, ಬಾಯಿ ಮುಚ್ಚಿಸುವುದು. ಕಾಸರಗೋಡಿನಲ್ಲಿ ಹುಟ್ಟಿದ ಸಾರಾ ಅಬೂಬಕ್ಕರ್ ಇದನ್ನು ಚೆನ್ನಾಗಿ ಬಲ್ಲವರು. ‘ಚಂದ್ರಗಿರಿಯ ತೀರದಲ್ಲಿ’ ಕಾದಂಬರಿ ಲಂಕೇಶ್ ಪತ್ರಿಕೆಯಲ್ಲಿ ಬಂದಾಗ ಸಮುದಾಯದ ಸಂಪ್ರದಾಯಸ್ಥರು ತಿರುಗಿಬಿದ್ದರು. ತಲಾಖಿನಿಂದ ಬದುಕು ಕಳೆದುಕೊಂಡ ಹೆಣ್ಣಿನ ಕತೆಯನ್ನು ಎಲ್ಲರೂ ಓದುವ ಕನ್ನಡದಲ್ಲಿ ಬರೆದದ್ದು ಅವರಿಗೆ ಸಹಿಸಲಾಗಲಿಲ್ಲ. ಆ ಕಾದಂಬರಿಯನ್ನು ಮುಸ್ಲಿಮರನ್ನು ಹಳಿಯಲಿಕ್ಕೆ ಬಳಸುವವರು ಹೊರಗೆ ಇದ್ದೇ ಇದ್ದಾರೆ, ಆ ಭಯ ಸುಳ್ಳಲ್ಲ. ಹಾಗಂತ ಸಾರಾ ಬರೆಯದೆ ಇದ್ದಿದ್ದರೆ ಯಾರ ಮಾನ ಉಳಿಯುತ್ತಿತ್ತು? ನಾದಿರಾಳದ್ದಂತೂ ಅಲ್ಲ.

ಕೊನೆಗೆ ಕೈಯಲ್ಲಿರುವ ಕೆಲಸ. ಇಲ್ಲಿರುವ ಹಲವರು ನಿಮ್ಮ ನಿಮ್ಮ ಕಡೆಯ ಕನ್ನಡದ ಪದ, ಗಾದೆ, ಬೈಗುಳ ಸಂಗ್ರಹಿಸುತ್ತಿದ್ದೀರಿ. ಆದವಾನಿ, ರಾಯದುರ್ಗ, ಮಡಕಶಿರಾ ಕಡೆಯ ಮಾತಿನ ಸಂಗ್ರಹ ಬೇಗ ಆಗಬೇಕು, ಹೇಳುವ ಹಿರಿಯರು ಕಡಿಮೆ ಆಗ್ತಿದ್ದಾರೆ. ಅದರಲ್ಲಿ ಜಾತಿಯನ್ನು ಹೀಯಾಳಿಸುವ ಗಾದೆಗಳು ರಾಶಿ ಬರುತ್ತವೆ. ತೆಗೆದುಹಾಕಬೇಕಾ ಅಂತ ಕೇಳುತ್ತೀರಿ. ಬೇಡ. ತೆಗೆದರೆ ನಮ್ಮ ಅಜ್ಜಂದಿರು ಬಹಳ ಸಭ್ಯವಾಗಿ ಮಾತಾಡುತ್ತಿದ್ದರು ಎಂಬ ಸುಳ್ಳು ಚರಿತ್ರೆ ತಯಾರಾಗುತ್ತದೆ. ಹಾಗೆಯೇ ‘ಜನಪದರ ವಿವೇಕ’ ಅಂತ ಮುನ್ನುಡಿ ಬರೆದು ಅಚ್ಚು ಹಾಕುವುದೂ ಬೇಡ. ಯಾರು ಯಾರಿಗೆ ಹೇಳುತ್ತಿದ್ದರು, ಯಾವ ಸಂದರ್ಭದಲ್ಲಿ, ಅದನ್ನು ಕೇಳಿಸಿಕೊಂಡವರು ತಮ್ಮೊಳಗೆ ಏನು ಅನ್ನುತ್ತಿದ್ದರು ಎಂಬುದೂ ಪಕ್ಕದಲ್ಲಿ ಇರಬೇಕು. ಮೂರನೆಯದನ್ನು ಬರೆಯಲಿಕ್ಕೆ ಸಂಪಾದಕ ಮಂಡಳಿಯಲ್ಲಿ ಆ ಕೇರಿಯವರು ಇರಬೇಕಾಗುತ್ತದೆ, ಸಲಹೆಗಾರರಾಗಿ ಅಲ್ಲ, ಸಂಪಾದಕರಾಗಿ. ‘ಊರು’ ಎಂಬ ನಮೂದಿನಿಂದಲೇ ಶುರು ಮಾಡಬಹುದು.

ನನ್ನ ಸಮಯ ಮುಗಿಯಿತು ಅಂತ ಅಧ್ಯಕ್ಷರು ಸನ್ನೆ ಮಾಡ್ತಿದ್ದಾರೆ. ತಾಳವಾಡಿಯ ಗೆಳೆಯರೊಬ್ಬರು ಆಗಿನಿಂದ ಕೈ ಎತ್ತಿಕೊಂಡೇ ಇದ್ದಾರೆ, ಮೊದಲು ಅವರ ಮೈಕ್ ಬಿಡಿಸಿ.